ಊರ ತೋಡು ಕಾಯಲು ಹೊರಟವರಿಗೆ: ಒಂದು ಮಳೆಯಿಂದ ಇನ್ನೊಂದು ಮಳೆಯವರೆಗಿನ ಕೆಲಸ

ಪರಿಸರದ ಕೆಲಸಕ್ಕೆ ಇಳಿಯಬೇಕೆಂದಿದ್ದರೆ ಮೊದಲು ಒಂದು ತೋಡು, ಅಂದರೆ ಊರ ಸಣ್ಣ ಹಳ್ಳ, ಹಿಡಿಯಿರಿ. ಮನೆಯಿಂದ ಕಾಲು ಗಂಟೆ ನಡೆದರೆ ಸಿಗುವಂಥದ್ದು, ಪರೀಕ್ಷೆಯ ದಿನಗಳಲ್ಲೂ ಹೋಗಿ ನೋಡಿ ಬರಬಹುದಾದಂಥದ್ದು. ಕಾಸರಗೋಡು ಜಿಲ್ಲೆಯ ಇಡೀ ಶಿರಿಯಾ ಹೊಳೆಯನ್ನೇ ಉಳಿಸುತ್ತೇವೆಂದು ಹೊರಟ ತಂಡ ಎರಡನೇ ಮಳೆಗಾಲದ ಹೊತ್ತಿಗೆ ಚದುರುತ್ತದೆ. ಅರ್ಧ ಕಿಲೋಮೀಟರ್ ತೋಡು ಹಿಡಿದವರು ಉಳಿಯುತ್ತಾರೆ.

ಕಾಸರಗೋಡಿಗೆ ವರ್ಷಕ್ಕೆ ಸುಮಾರು 3,500 ಮಿ.ಮೀ. ಮಳೆ ಬೀಳುತ್ತದೆ. ಆದರೂ ಮಾರ್ಚ್ ಬಂತೆಂದರೆ ಬಾವಿಯ ಕೊಡಪಾನ ತಳಕ್ಕೆ ತಾಗುತ್ತದೆ. ಮುರಕಲ್ಲಿನ (ಜಂಬಿಟ್ಟಿಗೆಯ) ಗುಡ್ಡ ಕುಡಿದ ನೀರನ್ನು ಬೇಗ ಬಿಟ್ಟುಕೊಡುತ್ತದೆ, ಗುಡ್ಡದಿಂದ ಕಡಲಿಗೆ ಇರುವ ದಾರಿಯೂ ಗಿಡ್ಡ. ಹಾಗಾಗಿ ಇಲ್ಲಿನ ಪರಿಸರದ ಕೆಲಸವೆಂದರೆ ಮುಖ್ಯವಾಗಿ ನೀರನ್ನು ಸ್ವಲ್ಪ ಹೊತ್ತು ನಿಲ್ಲಿಸುವುದು, ನಿಂತದ್ದನ್ನು ಬರೆದಿಡುವುದು. ಬರೆದಿಡುವುದಕ್ಕೆ ಇಷ್ಟು ಒತ್ತು ಕೊಡಲು ಕಾರಣ ಈ ಜಿಲ್ಲೆಯ ಚರಿತ್ರೆಯಲ್ಲೇ ಇದೆ. ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ಕೀಟನಾಶಕ ಸುರಿಯುತ್ತಿದ್ದಾಗ, ಎಣ್ಮಕಜೆ ಪಂಚಾಯತಿನ ಪಡ್ರೆಯಲ್ಲಿ ಡಾ. ವೈ.ಎಸ್. ಮೋಹನ್ ಕುಮಾರ್ ಒಂದೇ ಊರಲ್ಲಿ ಅಸಹಜವೆನ್ನುವಷ್ಟು ಕಾಯಿಲೆಗಳು ಸೇರಿರುವುದನ್ನು ಗಮನಿಸಿ ಹೊರಗೆ ತಿಳಿಸಿದರು. ಪೆರಿಯದ ಲೀಲಾಕುಮಾರಿ ಅಮ್ಮ ಕೋರ್ಟಿಗೆ ಹೋಗಿ 1998ರಲ್ಲಿ ಇದೇ ಜಿಲ್ಲೆಯ ಹೊಸದುರ್ಗದ ಮುನ್ಸೀಫ್ ನ್ಯಾಯಾಲಯದಿಂದ ಸಿಂಪಡಣೆಗೆ ತಡೆ ತಂದರು. ಸುಪ್ರೀಂ ಕೋರ್ಟಿನ ತಡೆ ಬಂದದ್ದು 2011ರ ಮೇ ತಿಂಗಳಲ್ಲಿ. ಇಷ್ಟು ದೀರ್ಘ ಹೋರಾಟ ನಿಂತದ್ದು ಕಂಡದ್ದನ್ನು ಬಿಡದೆ ದಾಖಲಿಸಿದವರಿಂದ.

ಅಳತೆ

ಜೂನಿನಲ್ಲಿ ಮಳೆಮಾಪಕದಿಂದ ಸುರು ಮಾಡಿ. ಅಂಗಡಿಯದ್ದೇ ಬೇಕಾಗಿಲ್ಲ. 12 ಸೆಂ.ಮೀ. ಬಾಯಿಯ ಆಲಿಕೆಯೊಂದನ್ನು ಬಾಟ್ಲಿಯ ಮೇಲೆ ಕೂರಿಸಿ, ಮರ ಮಾಡುಗಳಿಂದ ದೂರ, ಅಂಗಳದ ಬಯಲಲ್ಲಿ ಇಡಿ. ಆ ಆಲಿಕೆಯ ಬಾಯಿಯ ವಿಸ್ತೀರ್ಣ ಸುಮಾರು 113 ಚದರ ಸೆಂ.ಮೀ. ಅಂದರೆ 113 ಮಿ.ಲೀ. ನೀರು ಸೇರಿದರೆ 10 ಮಿ.ಮೀ. ಮಳೆ. ಎಲ್ಲರೂ ಎಡವುವುದು ಬಾಟ್ಲಿಯ ಗಾತ್ರದಲ್ಲಿ. ಒಂದು ಲೀಟರಿನದು 88 ಮಿ.ಮೀ.ಗೇ ತುಂಬಿ ಚೆಲ್ಲುತ್ತದೆ, ಆಟಿಯ (ಜುಲೈ-ಆಗಸ್ಟಿನ) ಜಡಿಮಳೆಯಲ್ಲಿ ಅದು ಸಾಲದು. ಎರಡು ಲೀಟರಿನದನ್ನೇ ಇಡಿ, ದಿನಾ ಬೆಳಿಗ್ಗೆ ಎಂಟೂವರೆಗೆ ಅಳೆದು ಖಾಲಿ ಮಾಡಿ.

ಬಾವಿಗಳ ಲೆಕ್ಕ ಅಕ್ಟೋಬರಿನಿಂದ ಸಾಕು. ತೋಡಿನ ಎರಡೂ ಬದಿಯಲ್ಲಿ, ಕಟ್ಟ (ತೋಡಿಗೆ ಅಡ್ಡಲಾಗಿ ಹಾಕುವ ತಾತ್ಕಾಲಿಕ ಒಡ್ಡು) ಬರುವ ಜಾಗದಿಂದ ಮೇಲೆ ಮೂರು, ಕೆಳಗೆ ಮೂರು ಬಾವಿ ಆರಿಸಿ. ತೋಡಿನಿಂದ ತುಂಬ ದೂರದ ಒಂದನ್ನೂ ಸೇರಿಸಿಕೊಳ್ಳಿ. ಕಟ್ಟದ ಫಲವೋ ಮಳೆಯ ಫಲವೋ ಎಂದು ಯಾರಾದರೂ ಕೇಳಿದಾಗ ಉತ್ತರ ಕೊಡುವುದು ಆ ಏಳನೆಯ ಬಾವಿ. ಮನೆಯವರ ಹತ್ತಿರ ನೇರವಾಗಿ ಕೇಳಿ: “ಮಾವ, ವಾರಕ್ಕೊಮ್ಮೆ ನಿಮ್ಮ ಬಾವಿಯ ನೀರು ಅಳೆದು ಹೋಗಲಾ?” ಬೇಡ ಎಂದವರು ಕಡಿಮೆ. ಬಾವಿಕಟ್ಟೆಯ ಮೇಲೆ ಪೈಂಟಿನಿಂದ ಒಂದು ಗುರುತು ಹಾಕಿ, ಟೇಪಿನ ತುದಿಗೆ ಸಣ್ಣ ತೂಕ ಕಟ್ಟಿ ಇಳಿಸಿ, ಗುರುತಿನಿಂದ ನೀರಿನ ಮೇಲ್ಮೈವರೆಗೆ ಅಳೆಯಿರಿ. ವಾರದ ಒಂದೇ ದಿನ, ಬೆಳಿಗ್ಗೆ, ಪಂಪು ಹಾಕುವ ಮೊದಲು. ಪಂಪು ನಿಂತ ಅರ್ಧ ಗಂಟೆಯಲ್ಲಿ ತೆಗೆದ ಅಳತೆಯನ್ನು ಹೊಡೆದು ಹಾಕಿ, ಅದು ಊಟೆ (ಒರತೆ) ತುಂಬುತ್ತಿರುವಾಗಿನ ಸುಳ್ಳು ಲೆಕ್ಕ.

ನೀರಿಗಾಗಿ ಗುಡ್ಡದೊಳಕ್ಕೆ ಅಡ್ಡಲಾಗಿ ಕೊರೆದ ಸುರಂಗವಿದ್ದರೆ ಇನ್ನೂ ಸುಲಭ. ನೀರು ಹೊರಬರುವ ದಂಬೆಯ (ಕೊಳವೆಯ) ಬಾಯಿಗೆ 10 ಲೀಟರಿನ ಬಕೆಟ್ ಹಿಡಿದು ತುಂಬಲು ಎಷ್ಟು ಸೆಕೆಂಡ್ ಎಂದು ನೋಡಿ. 50 ಸೆಕೆಂಡ್ ಹಿಡಿದರೆ ನಿಮಿಷಕ್ಕೆ 12 ಲೀಟರ್, ದಿನಕ್ಕೆ 17,280 ಲೀಟರ್. ಒಳಗೆ ಹೋಗುವ ಆಸೆ ಬೇಡ, ಕುಸಿಯುವ ಮಣ್ಣಿಗೂ ಗಾಳಿಯಿಲ್ಲದ ತುದಿಗೂ ಹುಡುಗರ ಧೈರ್ಯ ಗೊತ್ತಾಗುವುದಿಲ್ಲ.

ಹಿರಿಯರನ್ನು ಕೇಳುವುದೂ ಅಳತೆಯೇ. ಚಂದ್ರಗಿರಿ ಹೊಳೆಯಲ್ಲಿ ಭೀಮನಾಮೆ ಎಂಬ ಅಪರೂಪದ ದೊಡ್ಡ ಆಮೆಯನ್ನು ಅರಸಿದ ಯುವ ಸಂಶೋಧಕಿ ಆಯುಷಿ ಜೈನ್ ನೆಚ್ಚಿಕೊಂಡದ್ದು ಹೊಳೆ ಬದಿಯ ಜನರನ್ನು. ಅವರು ಕೊಟ್ಟ ಸುಳಿವಿನಿಂದಲೇ ಮೊಟ್ಟೆಯಿಡುವ ಹೆಣ್ಣಾಮೆ ದಾಖಲಾಯಿತು, ನೆರೆಗೆ ಸಿಕ್ಕಿದ ಗೂಡಿನ ಮೊಟ್ಟೆಗಳನ್ನು ಉಳಿಸಲಾಯಿತು. 2023ರಲ್ಲಿ ಕಾಸರಗೋಡು ತನ್ನದೇ ಜಿಲ್ಲಾ ಜೀವಿ, ಹಕ್ಕಿ, ಹೂ, ಮರ ಘೋಷಿಸಿಕೊಂಡಾಗ ಜೀವಿಯ ಸ್ಥಾನ ಈ ಆಮೆಗೇ ಸಿಕ್ಕಿತು. ನಿಮ್ಮ ತೋಡಿನ ಬಗ್ಗೆ ಅಜ್ಜಂದಿರಿಗೆ ಮೂರು ಪ್ರಶ್ನೆ ಸಾಕು: ಮೊದಲು ನೀರು ಯಾವ ತಿಂಗಳವರೆಗೆ ಹರಿಯುತ್ತಿತ್ತು, ಕಟ್ಟ ಎಲ್ಲೆಲ್ಲಿ ಇತ್ತು, ಯಾವ ಮೀನು ಈಗ ಕಾಣುವುದಿಲ್ಲ.

ಕಟ್ಟ

ಎರಡು ದಡದ ಜಾಗದವರ ಒಪ್ಪಿಗೆ ಬರಹದಲ್ಲಿ ಬೇಕು. ಬಾಯಿಮಾತಿನ ಒಪ್ಪಿಗೆ ತೋಟಕ್ಕೆ ನೀರು ನುಗ್ಗಿದ ದಿನ ಮುರಿದು ಬೀಳುತ್ತದೆ. ಹಿಂಗಾರು ಮಳೆ ಹಿಂದೆ ಸರಿದು ತೋಡು ತಿಳಿಯಾದ ಮೇಲೆ, ನವೆಂಬರ್ ಕೊನೆಯಿಂದ ಡಿಸೆಂಬರಿನೊಳಗೆ ಕಟ್ಟಿ. ಬೇಗ ಕಟ್ಟಿದರೆ ಒಂದು ರಾತ್ರಿಯ ಮಳೆಗೆ ಹೋಗುತ್ತದೆ, ಜನವರಿ ಕಳೆದರೆ ನಿಲ್ಲಿಸಲು ನೀರೇ ಇರುವುದಿಲ್ಲ.

ಎತ್ತರ 1 ಮೀಟರ್ ದಾಟಬಾರದು. 6 ಮೀಟರ್ ಅಗಲದ ತೋಡಿಗೆ ಸುಮಾರು 180 ಖಾಲಿ ಸಿಮೆಂಟ್ ಚೀಲ ಬೇಕು: ಒಂದು ವರಸೆಗೆ 10, ಏಳು ವರಸೆ, ಎರಡು ಗೋಡೆ, ಉಳಿದ 40 ಬುಡಕ್ಕೂ ದಡಕ್ಕೂ. ಮುಕ್ಕಾಲಿಗಿಂತ ಹೆಚ್ಚು ತುಂಬಬೇಡಿ. ಬಿರಿಯುವಷ್ಟು ತುಂಬಿದ ಚೀಲ ಉರುಟಾಗುತ್ತದೆ, ಒಂದರ ಮೇಲೊಂದು ಕೂರುವುದಿಲ್ಲ. ಒಳಗೆ ಅಂಟುಳ್ಳ ಮಣ್ಣಿರಲಿ, ಬರಿ ಹೊಯ್ಗೆ ನೀರನ್ನು ತಡೆಯುವುದಿಲ್ಲ. ದಡವನ್ನೇ ಕಡಿದು ಮಣ್ಣು ತೆಗೆಯುವುದು ಬೇಡವೇ ಬೇಡ.

ಕಟ್ಟ ಸೋಲುವುದು ಬುಡದಲ್ಲಿ. ತೋಡಿನ ಹೊಯ್ಗೆ, ಕೊಳೆತ ಸೋಗೆ, ಉರುಟು ಕಲ್ಲು ಎಲ್ಲ ಸರಿಸಿ ಗಟ್ಟಿ ನೆಲ ಸಿಗುವವರೆಗೆ ಹಾರೆ ಹಾಕಿ. ಎರಡೂ ದಡದೊಳಕ್ಕೆ ಒಂದೂವರೆ ಅಡಿ ಕೊರೆದು ಚೀಲದ ಸಾಲನ್ನು ಅಲ್ಲಿಗೂ ನುಗ್ಗಿಸಿ. ಒಂದಡಿ ಅಂತರದಲ್ಲಿ ಎರಡು ಗೋಡೆ, ಗೋಡೆ ಕಟ್ಟುವ ಕಲ್ಲಿನ ಹಾಗೆ ಸಂದಿಗೆ ಸಂದಿ ಸೇರದಂತೆ. ನಡುವೆ ಹದ ತೇವದ ಮಣ್ಣು, ಅರ್ಧ ಅಡಿಗೊಮ್ಮೆ ಮೆಟ್ಟಿ ಗಟ್ಟಿ ಮಾಡಬೇಕು. ನೀರು ಬರುವ ಬದಿಗೆ ದಪ್ಪ ಪ್ಲಾಸ್ಟಿಕ್ ಹಾಳೆ ಹೊದಿಸಿ ಅದರ ಕೆಳ ಅಂಚನ್ನು ಒಂದು ಮೀಟರಿನಷ್ಟು ತೋಡಿನ ನೆಲದ ಮೇಲೆ ಹಾಸಿ, ಮೇಲೆ ಮಣ್ಣು ಹೇರಿ. ನಡುವಿನ 2 ಮೀಟರಿನಲ್ಲಿ ಎರಡು ವರಸೆ ಕಡಿಮೆ ಇಟ್ಟು ಹೆಚ್ಚಿನ ನೀರು ಹೊರಡಲು ಬಿಡಿ, ಅದು ಬೀಳುವಲ್ಲಿ ಚಪ್ಪಟೆ ಕಲ್ಲು ಹಾಸಿ. ಕೆಳಗಿನ ಮನೆಯವರ, ಮೀನುಗಳ ಪಾಲು ಅದು. ತೋಡನ್ನು ಪೂರ್ತಿ ಬಿಗಿಯುವವರು ಒಳ್ಳೆಯ ಕೆಲಸ ಮಾಡುತ್ತಿಲ್ಲ.

ಮರುದಿನ ಬೆಳಿಗ್ಗೆ ಹೋಗಿ ಕೆಳಬದಿಯಲ್ಲಿ ಕುಕ್ಕರುಗಾಲಲ್ಲಿ ಕೂತು ನೋಡಿ. ಒಸರುವ ನೀರು ತಿಳಿಯಾಗಿದ್ದರೆ ಹೆದರಬೇಡಿ. ಕೆಂಪಾಗಿದ್ದರೆ ಅದು ಮಣ್ಣನ್ನು ಹೊತ್ತು ತರುತ್ತಿದೆ ಎಂದರ್ಥ, ಎರಡು ಮೂರು ದಿನದಲ್ಲಿ ಕೈ ತೂರುವಷ್ಟು ಮಾಟೆಯಾಗುತ್ತದೆ. ಬಹಳ ಸಲ ಅದು ಏಡಿಯ ಮಾಟೆ. ಮೇಲ್ಬದಿಯ ನೀರಿಗೆ ಒಂದು ಮುಷ್ಟಿ ಉಮಿ ಚೆಲ್ಲಿ. ಎಲ್ಲಿ ಸುಳಿ ತಿರುಗಿ ಎಳೆದುಕೊಳ್ಳುತ್ತದೋ ಅಲ್ಲಿ ಹಾಳೆ ಎತ್ತಿ ಜೇಡಿಮಣ್ಣು ತುರುಕಿ ಮೆಟ್ಟಿ. ಕೆಳಬದಿಯಿಂದ ಬೂಚು ಹಾಕಿದರೆ ನೀರು ಪಕ್ಕದಲ್ಲೇ ಇನ್ನೊಂದು ದಾರಿ ಮಾಡಿಕೊಳ್ಳುತ್ತದೆ.

ಕಾಗದ

ಪಂಚಾಯತಿಗೆ ಹೋಗುವಾಗ ಒಂದೇ ಪುಟ ಒಯ್ಯಿರಿ: ಏಳು ಬಾವಿಗಳ ಅಂಕಿ, ಒಂದು ಕೈನಕ್ಷೆ, ಒಂದು ಬೇಡಿಕೆ. ಹದಿನೆಂಟು ತುಂಬದವರು ಗ್ರಾಮಸಭೆಯ ಸದಸ್ಯರಲ್ಲ, ಬೇಡಿಕೆಯನ್ನು ವಾರ್ಡಿನ ಮತದಾರರೊಬ್ಬರ ಕೈಯಿಂದ ಮಂಡಿಸಿ ನಡಾವಳಿಯಲ್ಲಿ ಬರೆಸಿ. 2002ರ ಜೀವವೈವಿಧ್ಯ ಕಾಯಿದೆಯಂತೆ ಪಂಚಾಯತಿನಲ್ಲಿ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು. ಮೀನು ಗಿಡಗಳ ನಿಮ್ಮ ಪಟ್ಟಿ ಅಲ್ಲಿನ ಜನತಾ ಜೀವವೈವಿಧ್ಯ ದಾಖಲೆಗೆ ಸೇರಲಿ.

ತೋಡಿಗೆ ಕಸವೋ ಮಣ್ಣೋ ಬೀಳುತ್ತಿದ್ದು ಉತ್ತರ ಸಿಗದಿದ್ದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. 10 ರೂಪಾಯಿಯ ಕೋರ್ಟ್ ಫೀ ಸ್ಟಾಂಪ್ ಅಂಟಿಸಿದರಾಯಿತು. “ಯಾಕೆ ಕ್ರಮ ಕೈಗೊಂಡಿಲ್ಲ” ಎಂದು ಕೇಳಿದರೆ ಜಾರಿಕೊಳ್ಳುತ್ತಾರೆ. “ಇಂಥ ಸರ್ವೆ ನಂಬರಿಗೆ ಕೊಟ್ಟ ಅನುಮತಿಯ ಪ್ರತಿ ಕೊಡಿ” ಎಂದು ದಾಖಲೆಯನ್ನೇ ಕೇಳಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. ಕನ್ನಡದಲ್ಲೇ ಬರೆಯಿರಿ. ಕೇರಳದ 1969ರ ಆಡಳಿತ ಭಾಷಾ ಕಾಯಿದೆ ಇಲ್ಲಿನ ಕನ್ನಡಿಗರಿಗೆ ಸರಕಾರದೊಂದಿಗೆ ಕನ್ನಡದಲ್ಲಿ ವ್ಯವಹರಿಸುವ ಹಕ್ಕು ಕೊಟ್ಟಿದೆ, ಬಳಸದೆ ಬಿಟ್ಟರೆ ಅದು ಕಾಗದದಲ್ಲೇ ಉಳಿಯುತ್ತದೆ.

ಪತ್ತನಾಜೆಗೆ (ಮೇ ಕೊನೆಯ ಹೊತ್ತಿಗೆ ಬರುವ ತುಳುವರ ಆಚರಣೆಯ ದಿನ) ಮೊದಲು ಕಟ್ಟ ಬಿಚ್ಚಿ. ಮಣ್ಣನ್ನು ತಂದ ತೋಟಕ್ಕೇ ಹಾಕಿ. ಬಿಸಿಲಿಗೆ ಪುಡಿಯಾಗುತ್ತಿರುವ ಚೀಲವನ್ನು ಹೊಳೆಗೆ ಬಿಡದೆ ಎಣಿಸಿ ಮೇಲೆ ತನ್ನಿ: 180 ಇಳಿಸಿದ್ದರೆ 180 ಬರಬೇಕು. ಹಾಳೆಯನ್ನು ತೊಳೆದು ನೆರಳಲ್ಲಿ ಒಣಗಿಸಿ, ತೂತುಗಳಿಗೆ ಸುತ್ತಲೂ ಗುರುತು ಹಾಕಿ ಮಡಚಿ ಅಟ್ಟಕ್ಕೆ ಏರಿಸಿ. ಆಲಿಕೆ, ಬಾಟ್ಲಿ ಮತ್ತೆ ಅಂಗಳಕ್ಕೆ.