ಆಧಾರ್, ಪ್ಯಾನ್ ನಂಬರ್ ಕಳೆದರೆ ಎಲ್ಲಿ ಹುಡುಕಬೇಕು: ಜೆರಾಕ್ಸ್ ಅಂಗಡಿಯವನ ಅನುಭವ

ತಿಪಟೂರಿನಲ್ಲಿ ನನ್ನದೊಂದು ಸಣ್ಣ ಜೆರಾಕ್ಸ್ ಅಂಗಡಿ ಇದೆ. ಎರಡು ಕಂಪ್ಯೂಟರ್, ಒಂದು ಜೆರಾಕ್ಸ್ ಮಿಷನ್, ಒಂದು ಲ್ಯಾಮಿನೇಷನ್ ಮಿಷನ್. ಬೆಳಗ್ಗೆ ಶಟರ್ ಎತ್ತುವ ಹೊತ್ತಿಗೇ ಯಾರಾದರೊಬ್ಬರು ಪ್ಲಾಸ್ಟಿಕ್ ಕವರ್ ಹಿಡಿದುಕೊಂಡು ಮೆಟ್ಟಿಲ ಮೇಲೆ ಕೂತಿರುತ್ತಾರೆ.

ಮೊನ್ನೆ ಹಾಗೆ ಕೂತಿದ್ದವರು ಒಬ್ಬ ಅಜ್ಜಿ. ಬಸ್ಸಿನ ನೂಕುನುಗ್ಗಲಿನಲ್ಲಿ ಪರ್ಸ್ ಹೋಗಿತ್ತು. "ಆಧಾರೂ ಹೋಯ್ತು, ಓಟಿನ ಕಾರ್ಡೂ ಹೋಯ್ತು ಕಣಪ್ಪ. ಈಗ ಊರಿಗೆ ವಾಪಸ್ ಹೋಗೋಕೂ ದುಡ್ಡು ಕೊಟ್ಟು ಟಿಕೆಟ್ ತಗೋಬೇಕು" ಅಂದರು. ಶಕ್ತಿ ಯೋಜನೆ ಬಂದ ಮೇಲೆ ಆಧಾರ್ ಕಾರ್ಡು ನಮ್ಮ ಕಡೆ ಹೆಂಗಸರಿಗೆ ಬಸ್ ಪಾಸೇ ಆಗಿಬಿಟ್ಟಿದೆ. ಅಜ್ಜಿಗೆ ಚಿಂತೆ ಅದೇ.

ನಾನು ಕೇಳಿದ್ದು ಒಂದೇ. "ಅಜ್ಜೀ, ಆಧಾರಿಗೆ ಯಾರ ಫೋನ್ ನಂಬರ್ ಕೊಟ್ಟಿದ್ರಿ?"

ಇಷ್ಟು ವರ್ಷದಲ್ಲಿ ನಾನು ಕಲಿತ ಪಾಠ ಇದು. ಕಾರ್ಡು ಹೋದವರು ಕಾರ್ಡಿನ ಬಗ್ಗೆ ಗೋಳಾಡುತ್ತಾರೆ. ಆದರೆ ನಂಬರು ಸರ್ಕಾರದ ಹತ್ತಿರ ಭದ್ರವಾಗಿಯೇ ಇರುತ್ತದೆ. ಅದನ್ನು ಹೊರಗೆ ತೆಗೆಯೋಕೆ ಬೇಕಾಗಿರುವುದು ಎರಡು: ಅವತ್ತು ಕೊಟ್ಟಿದ್ದ ಮೊಬೈಲ್ ನಂಬರ್, ಮತ್ತು ದಾಖಲೆಯಲ್ಲಿ ಹೆಸರಿನ ಸ್ಪೆಲಿಂಗ್. ಜನ ಒದ್ದಾಡುವುದು ಇವೆರಡರಲ್ಲೇ.

ಅಜ್ಜಿ ಕೊಟ್ಟಿದ್ದು ಮೊಮ್ಮಗನ ನಂಬರ್. ಅವನು ಬೆಂಗಳೂರಿನಲ್ಲಿ ಕೆಲಸಕ್ಕಿದ್ದ. ಪುಣ್ಯಕ್ಕೆ ಅದೇ ಸಿಮ್ ಇಟ್ಟುಕೊಂಡಿದ್ದ. ಮೈಆಧಾರ್ ಡಾಟ್ ಯುಐಡಿಎಐ ಡಾಟ್ ಗವ್ ಡಾಟ್ ಇನ್ ತೆರೆದೆ. ಅಲ್ಲಿ ಲಾಗಿನ್ ಇಲ್ಲದೆಯೇ ಸಿಗುವ ಸೇವೆಗಳಲ್ಲಿ 'ರಿಟ್ರೀವ್ ಆಧಾರ್ ಆರ್ ಇಐಡಿ' ಅಂತ ಒಂದಿದೆ. ಆಧಾರ್ ನಂಬರ್ ಬೇಕಾ, ನೋಂದಣಿ ನಂಬರ್ ಬೇಕಾ (ಇಐಡಿ ಅಂದರೆ ಇದೇ, ಆಧಾರ್ ಮಾಡಿಸಿದ ದಿನ ಕೊಟ್ಟ ಚೀಟಿಯಲ್ಲಿರುವುದು) ಅಂತ ಆರಿಸಬೇಕು. ಹೆಸರು, ಮೊಬೈಲ್ ನಂಬರ್, ಚಿತ್ರದಲ್ಲಿ ಕಾಣುವ ಅಕ್ಷರ ಹಾಕಿದರೆ ಒಟಿಪಿ ಹೋಗುತ್ತದೆ. ಒಟಿಪಿ ಹಾಕಿದರೆ ನಂಬರು ಅದೇ ಮೊಬೈಲಿಗೆ ಎಸ್ಸೆಮ್ಮೆಸ್ ಆಗಿ ಬರುತ್ತದೆ. ದುಡ್ಡಿಲ್ಲ.

ಮೊದಲ ಸಲ ಆಗಲಿಲ್ಲ. ನಾನು 'ಲಕ್ಷ್ಮಮ್ಮ' ಅಂತ ಇಂಗ್ಲಿಷಿನಲ್ಲಿ ಕೆ, ಎಸ್, ಎಚ್ ಹಾಕಿ ಹೊಡೆದಿದ್ದೆ. ಎಕ್ಸ್ ಹಾಕಿ ನೋಡಿದೆ, ಅದೂ ಇಲ್ಲ. ಕೊನೆಗೆ ಮನೆಗೆ ಫೋನ್ ಮಾಡಿಸಿ ರೇಷನ್ ಕಾರ್ಡಿನ ಫೋಟೋ ವಾಟ್ಸಾಪಿನಲ್ಲಿ ತರಿಸಿದೆ. ಅದರಲ್ಲಿ ಕೊನೆಯ 'ಮ್ಮ'ಗೆ ಒಂದೇ ಎಂ ಇತ್ತು. ಹಾಗೇ ಹೊಡೆದೆ, ಬಂತು. ಆದ್ದರಿಂದ ಸುಮ್ನೆ ಊಹೆ ಮಾಡುತ್ತಾ ಕೂರಬೇಡಿ. ರೇಷನ್ ಕಾರ್ಡ್, ಬ್ಯಾಂಕ್ ಪಾಸ್‌ಬುಕ್, ಗೃಹಲಕ್ಷ್ಮಿ ಅರ್ಜಿಯ ಕಾಗದ, ಹೀಗೆ ಆಧಾರ್ ಕೊಟ್ಟು ಮಾಡಿಸಿದ ಯಾವುದಾದರೂ ಒಂದನ್ನು ಮುಂದೆ ಇಟ್ಟುಕೊಂಡು ಅಕ್ಷರ ಅಕ್ಷರ ನೋಡಿ ಹೊಡೆಯಿರಿ. ಇನಿಷಿಯಲ್ ಹೆಸರಿನ ಮುಂದಿದೆಯಾ ಹಿಂದಿದೆಯಾ ಅನ್ನುವುದೂ ಲೆಕ್ಕಕ್ಕೆ ಬರುತ್ತದೆ.

ನಂಬರ್ ಸಿಕ್ಕ ಮೇಲೆ ಅದೇ ಸೈಟಿನಲ್ಲಿ ಇ-ಆಧಾರ್ ಇಳಿಸಿಕೊಳ್ಳಬಹುದು. ಪಿಡಿಎಫ್ ತೆರೆಯೋಕೆ ಪಾಸ್‌ವರ್ಡ್ ಕೇಳುತ್ತದೆ. ಹೆಸರಿನ ಮೊದಲ ನಾಲ್ಕು ಇಂಗ್ಲಿಷ್ ಅಕ್ಷರ, ದೊಡ್ಡಕ್ಷರದಲ್ಲಿ, ಅದಕ್ಕೆ ಅಂಟಿಕೊಂಡಂತೆ ಹುಟ್ಟಿದ ಇಸವಿ. ಒಟ್ಟು ಎಂಟು. ಇದು ಗೊತ್ತಿಲ್ಲದೆ 'ಫೈಲೇ ಕೆಟ್ಟಿದೆ' ಅಂತ ಬರುವವರು ವಾರಕ್ಕೆ ನಾಲ್ಕು ಜನ.

ಆ ಸಿಮ್ಮೇ ಇಲ್ಲದಿದ್ದರೆ? ಇದು ಜಾಸ್ತಿ ಆಗುವ ಕಥೆ. ರೀಚಾರ್ಜ್ ಮಾಡದೆ ಬಿಟ್ಟ ನಂಬರನ್ನು ಕಂಪನಿಯವರು ಕೆಲವು ತಿಂಗಳಾದ ಮೇಲೆ ಬೇರೆಯವರಿಗೆ ಕೊಡುತ್ತಾರೆ. ನಮ್ಮ ಗಿರಾಕಿ ಒಬ್ಬರ ಒಟಿಪಿ ಯಾರಿಗೋ ಗೊತ್ತಿಲ್ಲದವರಿಗೆ ಹೋಗುತ್ತಿತ್ತು. ಫೋನ್ ಮಾಡಿ ಕೇಳಿದರೆ "ರಾಂಗ್ ನಂಬರ್" ಅಂತ ಇಟ್ಟುಬಿಟ್ಟರು. ಅವರ ತಪ್ಪೇನಿದೆ, ನಾವು ಎಲ್ಲರಿಗೂ ಹೇಳುವುದೇ ಒಟಿಪಿ ಕೊಡಬೇಡಿ ಅಂತ.

ಅಂಥವರಿಗೆ ಎರಡು ದಾರಿ ಇದೆ. ಒಂದು, 1947ಕ್ಕೆ ಫೋನ್ ಮಾಡುವುದು. ಸ್ವಾತಂತ್ರ್ಯ ಬಂದ ಇಸವಿ, ಮರೆಯೋ ಹಾಗೇ ಇಲ್ಲ. ಕನ್ನಡದಲ್ಲಿ ಮಾತಾಡಬಹುದು, ಕಾಸಿಲ್ಲ. ಹೆಸರು, ಹುಟ್ಟಿದ ದಿನ, ಪಿನ್‌ಕೋಡ್, ಇಂಥವನ್ನೆಲ್ಲಾ ಕೇಳುತ್ತಾರೆ. ಎಲ್ಲಾ ತಾಳೆಯಾದರೆ ನೋಂದಣಿ ನಂಬರ್ ಹೇಳುತ್ತಾರೆ. ಆಮೇಲೆ ಅದೇ 1947ರ ರೆಕಾರ್ಡ್ ದನಿಯ ಮೆನುವಿನಲ್ಲಿ ನೋಂದಣಿ ನಂಬರ್ ಕೊಟ್ಟು ಆಧಾರ್ ನಂಬರ್ ಪಡೆಯಬಹುದು. ಪೆನ್ನು, ಹಾಳೆ ಇಟ್ಟುಕೊಂಡೇ ಕೂರಿ. ನೋಂದಣಿ ನಂಬರ್ 14 ಅಂಕಿ. ಅದರ ಹಿಂದೆ ತಾರೀಖು, ಗಂಟೆ, ನಿಮಿಷ, ಸೆಕೆಂಡಿನ 14 ಅಂಕಿ ಬೇರೆ. ಸೇರಿಸಿದರೆ 28. ಬಾಯಲ್ಲಿ ಹೇಳಿಕೊಂಡು ನೆನಪಿಟ್ಟುಕೊಳ್ಳುವ ಲೆಕ್ಕ ಅಲ್ವಲ್ಲ.

ಇನ್ನೊಂದು, ಆಧಾರ್ ಕೇಂದ್ರಕ್ಕೇ ಹೋಗುವುದು. ಬೆರಳು ಒತ್ತಿದರೆ ದಾಖಲೆ ಸಿಕ್ಕಿ ಪ್ರಿಂಟ್ ಕೊಡುತ್ತಾರೆ. ಅದಕ್ಕೆ ಸಣ್ಣ ಶುಲ್ಕ ಇದೆ, ರಸೀದಿ ಕೇಳಿ ತಗೊಳ್ಳಿ. ನಮ್ಮ ಕಡೆ ಇದರಲ್ಲಿ ಒಂದು ತಾಪತ್ರಯ ಇದೆ. ತೆಂಗಿನಕಾಯಿ ಸುಲಿದು ಸುಲಿದು ಬೆರಳಿನ ಗೆರೆ ಸವೆದಿರುತ್ತದೆ. ಮಿಷನ್ ಒಪ್ಪುವುದೇ ಇಲ್ಲ. ಆಗ ಕಣ್ಣಿನ ಪಾಪೆ ತೋರಿಸಬಹುದು. ಎರಡು ಸಲ ಬೆರಳು ಒತ್ತಿಸಿ "ಬರಲ್ಲ, ಹೋಗಿ" ಅಂದರೆ ಎದ್ದು ಬರಬೇಡಿ. "ಕಣ್ಣಿಂದು ತಗೊಳ್ಳಿ ಸ್ವಾಮಿ" ಅಂತ ಬಾಯಿಬಿಟ್ಟು ಕೇಳಿ. ಅಲ್ಲೇ ಈಗಿನ ಮೊಬೈಲ್ ನಂಬರನ್ನೂ ಸೇರಿಸಿಬಿಡಿ. ಅದಕ್ಕೆ ಬೇರೆ ದಾಖಲೆ ಏನೂ ಕೇಳುವುದಿಲ್ಲ. ಪೋಸ್ಟ್‌ಮ್ಯಾನ್ ಕೈಲೂ ಮೊಬೈಲ್ ನಂಬರ್ ಸೇರಿಸಬಹುದು. ಹಾಸಿಗೆ ಹಿಡಿದ ಹಿರಿಯರಿದ್ದರೆ ಊರಿನ ಅಂಚೆ ಕಚೇರಿಯಲ್ಲಿ ವಿಚಾರಿಸಿ.

ಆಧಾರ್ ನಂಬರ್ ಇದೆ, ಯಾವ ಸಿಮ್ ಕೊಟ್ಟಿದ್ದೆವೋ ಮರೆತಿದೆ ಅನ್ನುವವರಿಗೆ ಒಂದು ಉಪಾಯ. ಅದೇ ಸೈಟಿನಲ್ಲಿ 'ಚೆಕ್ ಆಧಾರ್ ವ್ಯಾಲಿಡಿಟಿ' ಒತ್ತಿ ನಂಬರ್ ಹಾಕಿ. ಸೇರಿಸಿರುವ ಮೊಬೈಲಿನ ಕೊನೆಯ ಮೂರು ಅಂಕಿ ತೋರಿಸುತ್ತದೆ. ಮನೆಯಲ್ಲಿ ಯಾರ ನಂಬರ್ ಅಂತ ಅಲ್ಲೇ ಗೊತ್ತಾಗುತ್ತದೆ.

ಇನ್ನು ಗೋಡೆ ಕ್ಯಾಲೆಂಡರಿನ ಹಿಂದೆ ನಂಬರ್ ಬರೆದಿಟ್ಟವರು. ಒಳ್ಳೆಯ ಅಭ್ಯಾಸವೇ, ಆದರೆ ಒಂದಂಕಿ ಬಿಟ್ಟಿರುತ್ತಾರೆ. ಆಧಾರಿಗೆ 12 ಅಂಕಿ, ಮೊದಲನೆಯದು ಸೊನ್ನೆಯಾಗಲಿ ಒಂದಾಗಲಿ ಇರುವುದಿಲ್ಲ. ಕೊನೆಯ ಅಂಕಿ ಉಳಿದ ಹನ್ನೊಂದನ್ನು ಲೆಕ್ಕ ಹಾಕಿ ಇಟ್ಟಿದ್ದು. ಹಾಗಾಗಿ ಒಂದು ಅಂಕಿ ತಪ್ಪಿದರೂ ಸೈಟು ತಕ್ಷಣ ಬೇಡ ಅನ್ನುತ್ತದೆ.

ಪ್ಯಾನ್ ವಿಷಯಕ್ಕೆ ಬರೋಣ. ಇದರಲ್ಲಿ ನಾನೇ ಒಂದು ಎಡವಟ್ಟು ಮಾಡಿದ್ದೇನೆ. ಅಂಗಡಿ ಹಾಕಿದ ಹೊಸತು. ನನ್ನ ಭಾವಮೈದನ ಪ್ಯಾನ್ ಕಾರ್ಡ್ ಕಳೆದಿತ್ತು, ನಂಬರೂ ಗೊತ್ತಿರಲಿಲ್ಲ. "ಹುಡುಕೋದ್ಯಾಕೆ ಭಾವಾ, ಹೊಸದೇ ಹಾಕಿಬಿಡಿ" ಅಂದ. ನಾನೂ ಹಾಕಿಬಿಟ್ಟೆ. ಹೊಸ ನಂಬರ್ ಬಂತು. ಎರಡು ವರ್ಷ ಬಿಟ್ಟು, ಅವನು ಹಿಂದೆ ನಿವೇಶನ ಕೊಂಡಿದ್ದ ಕ್ರಯಪತ್ರ ತೆಗೆದು ನೋಡಿದರೆ ಅದರಲ್ಲಿ ಹಳೇ ಪ್ಯಾನ್ ಕುಳಿತಿದೆ! ಒಬ್ಬರ ಹತ್ತಿರ ಎರಡು ಪ್ಯಾನ್ ಇರುವ ಹಾಗಿಲ್ಲ, 10,000 ರೂಪಾಯಿವರೆಗೂ ದಂಡದ ಮಾತು. ತಿದ್ದುಪಡಿ ಫಾರಂನಲ್ಲಿ ಯಾವುದನ್ನು ಉಳಿಸಿಕೊಳ್ಳುತ್ತೇವೆ, ಯಾವುದನ್ನು ಬಿಡುತ್ತೇವೆ ಅಂತ ಬರೆದು ಹಾಕಿ, ತಿಂಗಳುಗಟ್ಟಲೆ ತಲೆ ಕೆಡಿಸಿಕೊಂಡೆವು. ಹಾಗಾಗಿ ಪ್ಯಾನ್ ಕಳೆದರೆ ಹೊಸ ಅರ್ಜಿ ಹಾಕಲೇಬೇಡಿ. ಹಳೆಯದನ್ನು ಹುಡುಕಿ.

ಎಲ್ಲಿ ಹುಡುಕುವುದು? ಕ್ರಯಪತ್ರ ಹೇಳಿದೆನಲ್ಲ. ಕೆಲಸದಲ್ಲಿದ್ದವರಿಗೆ ಫಾರಂ 16, ಅಂದರೆ ಸಂಬಳದಲ್ಲಿ ತೆರಿಗೆ ಹಿಡಿದಿದ್ದಕ್ಕೆ ಕಂಪನಿ ಕೊಡುವ ಕಾಗದ. ಬ್ಯಾಂಕಿನಲ್ಲಿ ಡಿಪಾಸಿಟ್ ಇಟ್ಟು ಬಡ್ಡಿಗೆ ಟಿಡಿಎಸ್ (ಮೊದಲೇ ಕಡಿತ ಮಾಡುವ ತೆರಿಗೆ) ಹಿಡಿದಿದ್ದರೆ ಅವರು ಕೊಡುವ ಸರ್ಟಿಫಿಕೇಟು. ವಾಹನ ಸಾಲದ ಕಾಗದ. ಯಾವುದೂ ಇಲ್ಲದಿದ್ದರೆ ಪಾಸ್‌ಬುಕ್ ಹಿಡಿದು ನಿಮ್ಮ ಬ್ಯಾಂಕ್ ಶಾಖೆಗೇ ಹೋಗಿ ವಿಚಾರಿಸಿ. ಪ್ಯಾನ್ ಆಧಾರಿಗೆ ಜೋಡಣೆಯಾಗಿ, ಹಿಂದೆ ರಿಟರ್ನ್ ಹಾಕಿದವರಾದರೆ ಇನ್ನೂ ಸುಲಭ. ಆದಾಯ ತೆರಿಗೆ ಇಲಾಖೆಯ ಇ-ಫೈಲಿಂಗ್ ಸೈಟಿನಲ್ಲಿ ಯೂಸರ್ ಐಡಿ ಜಾಗಕ್ಕೆ ಆಧಾರ್ ನಂಬರ್ ಹಾಕಿಯೂ ಒಳಗೆ ಹೋಗಬಹುದು. ಪ್ರೊಫೈಲಿನಲ್ಲಿ ಪ್ಯಾನ್ ಕಾಣುತ್ತದೆ. ಅದೇ ಸೈಟಿನಲ್ಲಿ ಇನ್‌ಸ್ಟಂಟ್ ಇ-ಪ್ಯಾನ್ ಮಾಡಿಸಿಕೊಂಡವರು ಆಧಾರ್ ಒಟಿಪಿ ಕೊಟ್ಟು ಮತ್ತೆ ಇಳಿಸಿಕೊಳ್ಳಬಹುದು.

ಸಿಕ್ಕಿದ್ದು ಮಾಸಿದ ಜೆರಾಕ್ಸ್ ಆದರೆ? ಜನ ಸೊನ್ನೆಯೋ ಇಂಗ್ಲಿಷ್ 'ಒ' ಅಕ್ಷರವೋ ಅಂತ ಭೂತಗನ್ನಡಿ ಹಿಡಿಯುತ್ತಾರೆ. ಅಷ್ಟೆಲ್ಲಾ ಬೇಡ. ಪ್ಯಾನ್ ಅಂದರೆ ಹತ್ತು: ಮೊದಲ ಐದು ಅಕ್ಷರ, ಆಮೇಲೆ ನಾಲ್ಕು ಅಂಕಿ, ಕೊನೆಗೆ ಒಂದು ಅಕ್ಷರ. ಮೊದಲ ಐದರಲ್ಲಿ ಗುಂಡಗಿರುವುದು ಕಂಡರೆ ಅದು 'ಒ'. ನಡುವಿನ ನಾಲ್ಕರಲ್ಲಿ ಕಂಡರೆ ಸೊನ್ನೆ. ನಮ್ಮ ನಿಮ್ಮಂಥ ವ್ಯಕ್ತಿಗಳ ಪ್ಯಾನಿನಲ್ಲಿ ನಾಲ್ಕನೇ ಅಕ್ಷರ ಯಾವಾಗಲೂ 'ಪಿ'. ಐದನೆಯದು ಸರ್‌ನೇಮಿನ ಮೊದಲ ಅಕ್ಷರ. ನಮ್ಮಲ್ಲಿ ಸರ್‌ನೇಮ್ ಎಲ್ಲಿದೆ ಹೇಳಿ! ಅರ್ಜಿ ತುಂಬಿದವರು ಇನಿಷಿಯಲ್ ಬಿಡಿಸಿ ಅಪ್ಪನ ಹೆಸರನ್ನೋ ಊರಿನ ಹೆಸರನ್ನೋ ಅಲ್ಲಿ ಹಾಕಿರುತ್ತಾರೆ. ಆ ಐದನೇ ಅಕ್ಷರ ನೋಡಿದರೆ ಏನು ಹಾಕಿದ್ದಾರೆ ಅನ್ನುವ ಸುಳಿವು ಸಿಗುತ್ತದೆ. ನಂಬರ್ ಗೊತ್ತಾದ ಮೇಲೆ ರೀಪ್ರಿಂಟ್ ಕಷ್ಟ ಇಲ್ಲ. ಕಾರ್ಡು ಮಾತ್ರ ದಾಖಲೆಯಲ್ಲಿರುವ ವಿಳಾಸಕ್ಕೇ ಹೋಗುತ್ತದೆ. ಬಾಡಿಗೆ ಮನೆ ಬದಲಾಯಿಸಿದವರು ಮೊದಲು ವಿಳಾಸ ತಿದ್ದಿಸಿ.

ಓಟಿನ ಕಾರ್ಡು ಸಲೀಸು. ವೋಟರ್ಸ್ ಡಾಟ್ ಇಸಿಐ ಡಾಟ್ ಗವ್ ಡಾಟ್ ಇನ್ ಸೈಟಿನಲ್ಲಿ ಹೆಸರು, ಅಪ್ಪನ ಅಥವಾ ಗಂಡನ ಹೆಸರು, ವಯಸ್ಸು, ಜಿಲ್ಲೆ, ಕ್ಷೇತ್ರ ಹಾಕಿ ಹುಡುಕಿದರೆ ಪಟ್ಟಿಯಲ್ಲಿ ಸಿಗುತ್ತದೆ. ಮದುವೆಯಾದ ಹೆಣ್ಣುಮಕ್ಕಳ ಹೆಸರು ಸಿಗದಿದ್ದರೆ ತವರಿನ ಕ್ಷೇತ್ರದಲ್ಲಿ, ಅಪ್ಪನ ಹೆಸರಿನ ಜೊತೆ ಹುಡುಕಿ ನೋಡಿ. ನಂಬರ್ ಅಂದರೆ ಮೂರು ಅಕ್ಷರ, ಏಳು ಅಂಕಿ. ಸಹಾಯವಾಣಿ 1950. ಹಳ್ಳಿಯಲ್ಲಿ ಇಷ್ಟೂ ಬೇಡ, ಬಿಎಲ್‌ಒ, ಅಂದರೆ ಬೂತಿನ ಓಟರ್ ಪಟ್ಟಿ ನೋಡಿಕೊಳ್ಳುವ ಕೆಲಸ ಮಾಡುವ ಅಂಗನವಾಡಿ ಟೀಚರನ್ನೋ ಸ್ಕೂಲ್ ಮೇಷ್ಟ್ರನ್ನೋ ಕೇಳಿದರೆ ಪಟ್ಟಿ ನೋಡಿ ಹೇಳುತ್ತಾರೆ.

ಪಿಎಫ್ ಯುಎಎನ್, ಅಂದರೆ ಕೆಲಸಗಾರರ ಪಿಎಫ್ ನಂಬರ್ ಕೇಳಿಕೊಂಡು ಬರುವವರು ಹೆಚ್ಚಾಗಿ ಬೆಂಗಳೂರಿನ ಗಾರ್ಮೆಂಟ್ಸಿನಲ್ಲಿ ದುಡಿದು ಬಂದ ಹೆಣ್ಣುಮಕ್ಕಳು. ಹೋದ ವರ್ಷ ಒಬ್ಬಾಕೆ ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ಬಂದಿದ್ದಳು. "ಅಣ್ಣಾ, ಐದು ವರ್ಷ ದುಡ್ದಿದೀನಿ, ಪಿಎಫ್ ನಂಬರ್ರೇ ಕೊಡ್ಲಿಲ್ಲ" ಅಂದಳು. ಅವಳ ಹಳೇ ಸಂಬಳದ ಚೀಟಿ ತಂದರೆ ಮೂಲೆಯಲ್ಲಿ 12 ಅಂಕಿಯ ನಂಬರ್ ಇತ್ತು! ಐದು ವರ್ಷ ತಿಂಗಳು ತಿಂಗಳೂ ಕೈಗೆ ಬರುತ್ತಿದ್ದ ಚೀಟಿ. ಯಾರೂ ಅದೇನು ಅಂತ ಹೇಳಿರಲಿಲ್ಲ. ಚೀಟಿ ಇಲ್ಲದವರು ಪಿಎಫ್‌ನ ಮೆಂಬರ್ ಸೈಟಿನಲ್ಲಿ 'ನೋ ಯುವರ್ ಯುಎಎನ್' ಒತ್ತಿ, ಕೆಲಸಕ್ಕೆ ಸೇರುವಾಗ ಕೊಟ್ಟ ಮೊಬೈಲಿನ ಒಟಿಪಿ ಹಾಕಿ, ಹೆಸರು, ಹುಟ್ಟಿದ ದಿನ, ಆಧಾರ್ ಅಥವಾ ಪ್ಯಾನ್ ಕೊಟ್ಟರೆ ಬರುತ್ತದೆ. ಎರಡು ಕಡೆ ಕೆಲಸ ಮಾಡಿದವರ ಹೆಸರಲ್ಲಿ ಎರಡು ಯುಎಎನ್ ಇರುವುದೂ ಉಂಟು. ಹಳೆಯದರ ದುಡ್ಡನ್ನು ಹೊಸದಕ್ಕೆ ವರ್ಗ ಮಾಡಿಸಿಕೊಳ್ಳಿ.

ಕೊಬ್ಬರಿ ಬೆಂಬಲ ಬೆಲೆಗೆ ನೋಂದಣಿ ಶುರುವಾದರೆ ಅಂಗಡಿ ಮುಂದೆ ರೈತರ ಸಾಲು. ಅವರಿಗೆ ಬೇಕಾಗಿರುವುದು ಫ್ರೂಟ್ಸ್ ಐಡಿ. ಎಫ್‌ಐಡಿ ಅನ್ನುತ್ತಾರಲ್ಲ, ಅದೇ, ಸರ್ಕಾರ ರೈತರಿಗೆ ಕೊಡುವ ಗುರುತಿನ ನಂಬರ್. ಆಧಾರ್ ಹಿಡಿದು ರೈತ ಸಂಪರ್ಕ ಕೇಂದ್ರಕ್ಕೆ ಹೋದರೆ ಅಲ್ಲೇ ತೆಗೆದು ಹೇಳುತ್ತಾರೆ. ಯಾವ ಸರ್ವೆ ನಂಬರ್ ಸೇರಿದೆ, ಯಾವುದು ಬಿಟ್ಟಿದೆ ಅಂತಲೂ ಅಲ್ಲೇ ನೋಡಿಕೊಳ್ಳಿ. ನೋಂದಣಿಯ ದಿನವೇ ಓಡಬೇಡಿ. ಜಾತಿ, ಆದಾಯ ಪ್ರಮಾಣಪತ್ರದ ಆರ್‌ಡಿ ನಂಬರ್ ಬೇಕಾದರೆ ಮಕ್ಕಳ ಸ್ಕಾಲರ್‌ಶಿಪ್ ಅರ್ಜಿಯ ಪ್ರಿಂಟ್ ತೆಗೆದು ನೋಡಿ. ಅದರಲ್ಲಿ ಇದ್ದೇ ಇರುತ್ತದೆ.

ಗೂಗಲ್ಲಿನಲ್ಲಿ ಹುಡುಕುವಾಗ ಸ್ವಲ್ಪ ಹುಷಾರು. ಮೇಲುಗಡೆ ಬರುವ ಜಾಹೀರಾತಿನ ಸೈಟು ನೋಡೋಕೆ ಥೇಟ್ ಸರ್ಕಾರದ್ದೇ ಥರ ಇರುತ್ತದೆ, ಒಳಗೆ ಹೋದರೆ ದುಡ್ಡು ಕೇಳುತ್ತದೆ. ವಿಳಾಸದ ಕೊನೆಯಲ್ಲಿ 'ಗವ್ ಡಾಟ್ ಇನ್' ಇದೆಯಾ ನೋಡಿ. "ನಿಮ್ಮ ಆಧಾರ್ ಹುಡುಕಿಕೊಡ್ತೀವಿ, ಒಟಿಪಿ ಹೇಳಿ" ಅಂತ ತಾವಾಗೇ ಫೋನ್ ಮಾಡುವವರು ಕಳ್ಳರು, ಇಟ್ಟುಬಿಡಿ.

ಅಜ್ಜಿ ಕಥೆ ಮುಗಿಸಲಿಲ್ಲ. ಪ್ರಿಂಟ್ ತೆಗೆದು ಲ್ಯಾಮಿನೇಷನ್ ಮಾಡಿ ಕೊಟ್ಟೆ. ಕಣ್ಣಿಗೆ ಹತ್ತಿರ ಹಿಡಿದು ಫೋಟೋ ನೋಡಿಕೊಂಡರು. "ಇನ್ನೊಂದು ತೆಕ್ಕೊಡಪ್ಪ, ಪೆಟ್ಟಿಗೇಲಿ ಇಟ್ಕೊತೀನಿ" ಅಂದರು. ಎರಡನೆಯದು ತೆಗೆದ ಮೇಲೆ ಅವರ ಎದುರಿಗೇ ಕಂಪ್ಯೂಟರಿನ ಡೌನ್‌ಲೋಡ್ ಫೋಲ್ಡರಿನಿಂದ ಫೈಲ್ ಅಳಿಸಿದೆ, ರೀಸೈಕಲ್ ಬಿನ್ನಿನಿಂದಲೂ ಅಳಿಸಿದೆ. ನನ್ನಂಥ ಅಂಗಡಿಗೆ ಹೋದಾಗ ಇದನ್ನು ನೀವೂ ಕೇಳಿ ಮಾಡಿಸಿ. ಕೇಳದಿದ್ದರೆ ದಿನಕ್ಕೆ ಐವತ್ತು ಜನರ ಆಧಾರ್ ಆ ಫೋಲ್ಡರಿನಲ್ಲಿ ಹಾಗೇ ಬಿದ್ದಿರುತ್ತದೆ.