ಫಿಲ್ಟರಿನ ಚರಟ ಬೆಕ್ಕಿನ ಬಾಯಿಗೆ ಹೋಗದಿರಲಿ

ಬೆಕ್ಕು ಸಾಕಿದವರ ಮನೆಗೆ ಹೋದಾಗಲೆಲ್ಲ ನಾನು ಒಂದು ಮಾತು ಹೇಳಿಯೇ ಬರುತ್ತೇನೆ: ಕಾಫಿ ಲೋಟವನ್ನು ಅರ್ಧಕ್ಕೆ ಬಿಟ್ಟು ಎದ್ದು ಹೋಗಬೇಡಿ. "ನಮ್ಮ ಬೆಕ್ಕು ದಿನಾ ಲೋಟದ ತಳ ನೆಕ್ಕುತ್ತದೆ ಅತ್ತೆ, ಇದುವರೆಗೆ ಏನೂ ಆಗಿಲ್ಲ" ಎನ್ನುವ ಉತ್ತರ ಸಿದ್ಧವಾಗಿಯೇ ಇರುತ್ತದೆ. ಅವರು ಹೇಳುವುದು ಸುಳ್ಳಲ್ಲ. ಹಾಲು ಧಾರಾಳವಾಗಿ ಬೆರೆಸಿದ ಕಾಫಿಯ ಕೊನೆಯ ಎರಡು ತೊಟ್ಟಿನಲ್ಲಿರುವ ಕೆಫೀನ್ ತೀರಾ ಅಲ್ಪ, ಅದರಿಂದ ದೊಡ್ಡ ಬೆಕ್ಕಿನ ಜೀವಕ್ಕೇನೂ ಅಪಾಯವಿಲ್ಲ. ಆದರೆ ಆ ಎರಡು ತೊಟ್ಟು ಬೆಕ್ಕಿಗೆ ಒಂದು ಅಭ್ಯಾಸ ಕಲಿಸುತ್ತದೆ. ಕಾಫಿಯ ವಾಸನೆ ಬಂದಲ್ಲಿ ಹಾಲಿದೆ ಎಂದು ಅದು ನಂಬಿಬಿಡುತ್ತದೆ. ನಾಳೆ ಡಿಕಾಕ್ಷನ್ ಪಾತ್ರೆ ತೆರೆದಿದ್ದರೆ ಅದಕ್ಕೂ ಬಾಯಿ ಹಾಕುತ್ತದೆ.

ಬೆಕ್ಕು ಸಕ್ಕರೆಯ ಆಸೆಗೆ ಬರುವುದಿಲ್ಲ. ಅದಕ್ಕೆ ಸಿಹಿ ರುಚಿಯೇ ಗೊತ್ತಾಗುವುದಿಲ್ಲ. ಸಿಹಿಯನ್ನು ಗುರುತಿಸುವ ಜೀನ್ ಬೆಕ್ಕಿನ ಜಾತಿಯಲ್ಲಿ ಕೆಲಸ ಮಾಡುವುದಿಲ್ಲ ಎಂದು 2005ರಲ್ಲಿ ವಿಜ್ಞಾನಿಗಳು ತೋರಿಸಿದರು. ಅದನ್ನು ಸೆಳೆಯುವುದು ಹಾಲಿನ ಕೊಬ್ಬು. ಆ ಹಾಲಾದರೂ ಒಳ್ಳೆಯದೇ ಎಂದರೆ, ತಾಯಿಯ ಮೊಲೆ ಬಿಟ್ಟು ಬೆಳೆದ ಹೆಚ್ಚಿನ ಬೆಕ್ಕುಗಳಿಗೆ ಹಾಲು ಸರಿಯಾಗಿ ಅರಗುವುದಿಲ್ಲ, ಹೊಟ್ಟೆ ಕೆಡುತ್ತದೆ. ಪ್ರೀತಿ ತೋರಿಸಲು ಬೇಯಿಸಿದ ಮೀನಿನ ಒಂದು ತುಂಡು, ಶುದ್ಧವಾದ ನೀರು ಸಾಕು.

ಕೆಫೀನ್ ಬೆಕ್ಕಿಗೆ ಏಕೆ ವಿಷವಾಗುತ್ತದೆ ಎಂಬುದನ್ನು ತಿಳಿದಿದ್ದರೆ ಎಚ್ಚರಿಕೆ ತಾನಾಗಿ ಬರುತ್ತದೆ. ದೇಹದಲ್ಲಿ ಅಡಿನೋಸಿನ್ ಎಂಬ ವಸ್ತುವಿದೆ. ನರಗಳಿಗೂ ಹೃದಯಕ್ಕೂ "ಸಾಕು, ನಿಧಾನಿಸು" ಎಂದು ಹೇಳುವುದು ಅದರ ಕೆಲಸ. ಕೆಫೀನ್ ಆ ಸೂಚನೆ ತಲುಪದಂತೆ ಅಡ್ಡ ನಿಲ್ಲುತ್ತದೆ. ಅರವತ್ತು ಕಿಲೋ ತೂಗುವ ನಮಗೆ ಬೆಳಗಿನ ಒಂದು ಲೋಟದಿಂದ ಹಿತವಾದ ಚುರುಕು ಬರುತ್ತದೆ. ನಾಲ್ಕು ಕಿಲೋ ತೂಗುವ ಬೆಕ್ಕಿನ ಹೃದಯ ಅಷ್ಟೇ ಪ್ರಮಾಣಕ್ಕೆ ಹಿಡಿತ ತಪ್ಪಿ ಓಡತೊಡಗುತ್ತದೆ. ದೇಹದ ಒಂದು ಕಿಲೋ ತೂಕಕ್ಕೆ 20 ಮಿಲಿಗ್ರಾಂ ಕೆಫೀನ್ ಸೇರಿದರೆ ವಾಂತಿ, ಚಡಪಡಿಕೆಯಂತಹ ಲಕ್ಷಣಗಳು ಕಾಣಬಹುದು. 40ರಿಂದ 50 ಮಿಲಿಗ್ರಾಂ ದಾಟಿದರೆ ಹೃದಯದ ಬಡಿತ ಕೆಡುತ್ತದೆ. 60ರ ಸುಮಾರಿಗೆ ಫಿಟ್ಸ್ ಬರುತ್ತದೆ, ಅದಕ್ಕೂ ಮೇಲೆ ಹೋದರೆ ಪ್ರಾಣಕ್ಕೇ ಸಂಚಕಾರ. ಒಂದು ಚಹಾ ಚಮಚ ಇನ್‌ಸ್ಟಂಟ್ ಕಾಫಿ ಪುಡಿಯಲ್ಲಿ ಸುಮಾರು 60 ಮಿಲಿಗ್ರಾಂ ಇರುತ್ತದೆ. ಒಂದು ಕಿಲೋ ತೂಗುವ ಮರಿಯ ಲೆಕ್ಕದಲ್ಲಿ ಈ ಒಂದು ಚಮಚ ಎಂದರೆ ಏನೆಂದು ನೀವೇ ನೋಡಿ. ಇನ್ನೊಂದು ವಿಷಯವೂ ಇದೆ. ಹೊರಗೆ ಆರೋಗ್ಯವಾಗಿ ಕಾಣುವ ಕೆಲವು ಬೆಕ್ಕುಗಳಿಗೆ ಹೃದಯದ ಸ್ನಾಯು ದಪ್ಪಗಾಗುವ ಕಾಯಿಲೆ ಇರುತ್ತದೆ, ಮನೆಯವರಿಗೆ ಅದು ತಿಳಿದಿರುವುದಿಲ್ಲ. ಅಂತಹ ಬೆಕ್ಕಿಗೆ ಇದಕ್ಕಿಂತ ಕಡಿಮೆ ಪ್ರಮಾಣವೂ ಭಾರವಾಗಬಹುದು.

ಆದ್ದರಿಂದ ನಾನು ಲೋಟಕ್ಕಿಂತ ಹೆಚ್ಚಾಗಿ ಪುಡಿಗೆ, ಚರಟಕ್ಕೆ, ಮಾತ್ರೆಗೆ ಹೆದರುತ್ತೇನೆ.

ನಮ್ಮ ಕಡೆ ಬೆಳಿಗ್ಗೆ ಡಿಕಾಕ್ಷನ್ ಇಳಿದ ಮೇಲೆ ಫಿಲ್ಟರಿನ ಮೇಲಿನ ಬಟ್ಟಲು ಚರಟದ ಸಮೇತ ಸಿಂಕಿನಲ್ಲಿ ಕೂರುತ್ತದೆ, ತೊಳೆಯುವುದು ಮಧ್ಯಾಹ್ನಕ್ಕೆ. ಡಿಕಾಕ್ಷನ್ ಇಳಿದ ಮಾತ್ರಕ್ಕೆ ಚರಟದ ಕೆಫೀನ್ ಎಲ್ಲ ಹೋಗಿರುವುದಿಲ್ಲ. ಕುಡಿದು ಮುಗಿದ ಕೂಡಲೇ ಚರಟವನ್ನು ಮುಚ್ಚಳವಿರುವ ಡಬ್ಬಿಗೆ ಹಾಕಿ, ಬಟ್ಟಲಿಗೆ ನೀರು ಬಿಡಿ. ಹಸಿ ಕಸದ ಬುಟ್ಟಿಗೂ ಬಿಗಿಯಾದ ಮುಚ್ಚಳ ಬೇಕು, ಏಕೆಂದರೆ ಚರಟದ ಮೇಲೆ ಮೀನಿನ ಮುಳ್ಳು ಬಿದ್ದರೆ ಬೆಕ್ಕು ಎರಡನ್ನೂ ಕೆದಕುತ್ತದೆ. ಗುಲಾಬಿ ಗಿಡಕ್ಕೆ ಚರಟ ಹಾಕುವ ರೂಢಿ ಇರುವವರು ಅದನ್ನು ಮಣ್ಣಿನ ಮೇಲೆ ಚೆಲ್ಲದೆ ಗೊಬ್ಬರದ ಗುಂಡಿಯಲ್ಲಿ ಆಳಕ್ಕೆ ಹೂಳಿ. ಕುಂಡದಲ್ಲಿ ಬೆಕ್ಕು ಕೆರೆಯದಿರಲಿ ಎಂದು ಕಾಫಿ ಪುಡಿ ಉದುರಿಸುವವರನ್ನೂ ಕಂಡಿದ್ದೇನೆ. ದಯವಿಟ್ಟು ಹಾಗೆ ಮಾಡಬೇಡಿ. ಅಂಗಾಲಿಗೆ ಅಂಟಿದ್ದೆಲ್ಲ ಕಡೆಗೆ ಅದರ ನಾಲಿಗೆಗೇ ಹೋಗುತ್ತದೆ. ತೆಂಗಿನ ನಾರನ್ನೋ ಹಿಡಿಗಾತ್ರದ ಕಲ್ಲುಗಳನ್ನೋ ಮಣ್ಣಿನ ಮೇಲೆ ಒತ್ತಾಗಿ ಹರಡಿದರೆ ಬೆಕ್ಕು ಆ ಕುಂಡದ ತಂಟೆಗೆ ಬರುವುದಿಲ್ಲ.

ಮೈಗೆ ಅಂಟಿದ್ದನ್ನು ಬೆಕ್ಕು ನೆಕ್ಕಿ ನುಂಗುತ್ತದೆ ಎಂಬುದು ಬಹಳ ಜನರಿಗೆ ಹೊಳೆಯುವುದೇ ಇಲ್ಲ. ನಮ್ಮ ಬೀದಿಯ ಒಂದು ಮನೆಯಲ್ಲಿ ಇನ್‌ಸ್ಟಂಟ್ ಕಾಫಿಯ ಬಾಟಲಿ ಕಟ್ಟೆಯಿಂದ ಜಾರಿ ಒಡೆಯಿತು. ಕೆಳಗಿದ್ದ ಬೂದು ಬಣ್ಣದ ಮರಿಯ ಬೆನ್ನ ಮೇಲೆ ಪುಡಿ ಸುರಿಯಿತು. ಮನೆಯ ಹುಡುಗಿ ಗಾಜು ಗುಡಿಸುವುದರಲ್ಲಿ ಇದ್ದಾಗ ಮರಿ ಮೂಲೆಯಲ್ಲಿ ಕುಳಿತು ಮೈಯನ್ನು ನೆಕ್ಕಿಕೊಂಡಿತು. ಒಂದು ಗಂಟೆಯೊಳಗೆ ಅವಳು ನನ್ನನ್ನು ಕರೆಯಲು ಬಂದಳು. ನಾನು ಹೋಗಿ ನೋಡಿದಾಗ ಅದು ಗೋಡೆಯ ಬುಡದಲ್ಲೇ ಹೋಗುತ್ತಿತ್ತು, ಬರುತ್ತಿತ್ತು, ಒಂದು ಕ್ಷಣವೂ ಕೂರುತ್ತಿರಲಿಲ್ಲ. ಮಧ್ಯಾಹ್ನದ ಬೆಳಕಿನಲ್ಲಿ ಸಣ್ಣ ಗೆರೆಯಂತಿರಬೇಕಾದ ಕಣ್ಣಿನ ಪಾಪೆ ಇಡೀ ಕಣ್ಣು ತುಂಬಿ ಕಪ್ಪಾಗಿತ್ತು. ಬಾಯಿ ತೆರೆದು ಏದುಸಿರು ಬಿಡುತ್ತಿತ್ತು. ಮುಂಗಾಲಿನ ಮೊಣಕೈ ಹಿಂದೆ ಎದೆಗೆ ಬೆರಳಿಟ್ಟರೆ ಬಡಿತ ಎಣಿಸಲು ಸಿಗುತ್ತಿರಲಿಲ್ಲ. ಬೆಚ್ಚಗಿನ ನೀರಿನಲ್ಲಿ ಅದ್ದಿದ ಬಟ್ಟೆಯಿಂದ ಮೈಯನ್ನೆಲ್ಲ ಒರೆಸಿ, ಟವೆಲ್‌ನಲ್ಲಿ ಸುತ್ತಿ, ಬಾಟಲಿಯ ಲೇಬಲ್ಲನ್ನೂ ಜೊತೆಗೆ ಹಿಡಿದು ಆಸ್ಪತ್ರೆಗೆ ಓಡಿದರು. ರಾತ್ರಿಯಿಡೀ ಗ್ಲೂಕೋಸ್ ಹಾಕಿಸಿಕೊಂಡು ಮರಿ ಉಳಿಯಿತು. ಅವಳು ಬೇಗ ಗಮನಿಸಿದ್ದೇ ಅದರ ಪುಣ್ಯ.

ಮಾತ್ರೆಗಳ ವಿಷಯಕ್ಕೆ ಬಂದರೆ ನನಗೆ ನಿಜವಾಗಿ ಭಯವಾಗುತ್ತದೆ. ತಲೆನೋವಿಗೂ ನೆಗಡಿಗೂ ನಾವು ಅಂಗಡಿಯಿಂದ ತರುವ ಎಷ್ಟೋ ಮಾತ್ರೆಗಳಲ್ಲಿ ಪ್ಯಾರಾಸಿಟಮಾಲ್ ಜೊತೆಗೆ ಕೆಫೀನ್ ಇರುತ್ತದೆ. ಇಲ್ಲಿ ಕೆಫೀನಿಗಿಂತ ಪ್ಯಾರಾಸಿಟಮಾಲ್ ಭಯಂಕರ. ಅದನ್ನು ಒಡೆದು ಹೊರಹಾಕುವ ಶಕ್ತಿ ಬೆಕ್ಕಿನ ಯಕೃತ್ತಿಗೆ ಇಲ್ಲವೆನ್ನುವಷ್ಟು ಕಡಿಮೆ. 500 ಮಿಲಿಗ್ರಾಂನ ಒಂದೇ ಒಂದು ಮಾತ್ರೆ ಬೆಕ್ಕನ್ನು ಕೊಲ್ಲಬಲ್ಲದು. ರಕ್ತ ಆಮ್ಲಜನಕ ಹೊರಲಾರದೆ ಒಸಡು ಕಂದು ಬಣ್ಣಕ್ಕೆ ತಿರುಗುತ್ತದೆ, ಮುಖ ಮತ್ತು ಪಾದ ಊದಿಕೊಳ್ಳುತ್ತವೆ. ಬೆಕ್ಕಿಗೆ ಜ್ವರ ಬಂದಿದೆ ಎಂದು ಮನೆಯವರೇ ಕಾಲು ಮಾತ್ರೆ ಪುಡಿ ಮಾಡಿ ಕೊಡುವುದುಂಟು. ಇದನ್ನು ಎಂದೆಂದಿಗೂ ಮಾಡಬೇಡಿ. ಮೇಜಿನ ಮೇಲೆ, ದಿಂಬಿನ ಪಕ್ಕದಲ್ಲಿ ಮಾತ್ರೆ ಬಿಡುವ ಹಿರಿಯರಿಗೂ ಇದನ್ನು ಹೇಳಿ. ನಮ್ಮ ವಯಸ್ಸಿನವರಲ್ಲೇ ಈ ಅಭ್ಯಾಸ ಹೆಚ್ಚು.

ಜಿಮ್‌ಗೆ ಹೋಗುವ ಮಕ್ಕಳಿರುವ ಮನೆಯಲ್ಲಿ ವ್ಯಾಯಾಮಕ್ಕೆ ಮುಂಚೆ ಕುಡಿಯುವ ಪುಡಿಯ ಡಬ್ಬಿಯನ್ನು ಒಮ್ಮೆ ತೆಗೆದು ಓದಿ. ಅಂತಹ ಎಷ್ಟೋ ಪುಡಿಗಳ ಒಂದು ಅಳತೆಯಲ್ಲಿ 150ರಿಂದ 300 ಮಿಲಿಗ್ರಾಂ ಕೆಫೀನ್ ಇರುತ್ತದೆ. 250 ಮಿಲಿಲೀಟರಿನ ಎನರ್ಜಿ ಪಾನೀಯದ ಡಬ್ಬಿಯಲ್ಲಿ ಸಾಮಾನ್ಯವಾಗಿ 75ರಿಂದ 80 ಇರುತ್ತದೆ. ಗ್ರೀನ್ ಟೀ ಚೀಲಗಳಲ್ಲಿ ಅಪಾಯ ಎರಡು ಬಗೆಯದು. ಒಳಗಿನ ಚಹಾ ಎಲೆಯಷ್ಟೇ ಅದರ ದಾರವೂ ಕೆಟ್ಟದ್ದು, ನುಂಗಿದ ದಾರ ಕರುಳಿನಲ್ಲಿ ಸಿಕ್ಕಿ ಅದನ್ನೇ ಸುರುಟಿ ಕತ್ತರಿಸಬಹುದು. ಮೆಹಂದಿಯನ್ನು ಚಹಾ ಅಥವಾ ಕಾಫಿ ಡಿಕಾಕ್ಷನ್‌ನಲ್ಲಿ ಕಲಸಿ ಕಬ್ಬಿಣದ ಬಾಣಲೆಯಲ್ಲಿ ರಾತ್ರಿಯಿಡೀ ನೆನೆಸುವವರು ಬಾಣಲೆಯ ಮೇಲೆ ತಟ್ಟೆ ಮುಚ್ಚಿ ಭಾರ ಇಡಿ. ದಕ್ಷಿಣ ಕನ್ನಡದ ಕಡೆ ಅಡಿಕೆಯ ನಡುವೆ ಕೋಕೋ ಬೆಳೆಯುತ್ತಾರೆ, ಪುತ್ತೂರಿನಲ್ಲಿ 1986ರಿಂದ ಕ್ಯಾಂಪ್ಕೋದ ಚಾಕೊಲೇಟ್ ಕಾರ್ಖಾನೆಯೂ ಇದೆ. ಅಂತಹ ಊರಿನವರು ಅಂಗಳದಲ್ಲಿ ಒಣಹಾಕಿದ ಕೋಕೋ ಬೀಜದ ಮೇಲೂ ಕಣ್ಣಿಟ್ಟಿರಬೇಕು, ಏಕೆಂದರೆ ಅದರಲ್ಲಿರುವ ಥಿಯೋಬ್ರೊಮಿನ್ ಕೆಫೀನಿನದೇ ಬಳಗ. ಕಪ್ಪು ಚಾಕೊಲೇಟಿಗೂ ಇದೇ ಮಾತು.

ಬೆಕ್ಕು ಕಾಫಿ ಪುಡಿಯನ್ನೋ ಮಾತ್ರೆಯನ್ನೋ ತಿಂದದ್ದು ಕಣ್ಣಿಗೆ ಬಿದ್ದರೆ ಲಕ್ಷಣಕ್ಕಾಗಿ ಕಾಯಬಾರದು. ಅರ್ಧ ಗಂಟೆಯಿಂದ ಎರಡು ಗಂಟೆಯೊಳಗೆ ಲಕ್ಷಣ ಶುರುವಾಗುತ್ತದೆ. ಹೊಟ್ಟೆಯಲ್ಲಿರುವುದನ್ನು ತೆಗೆಯಲು ವೈದ್ಯರಿಗೆ ಸಿಗುವ ಸಮಯವೂ ಅಷ್ಟೇ. ನಾಯಿಗೆ, ಮಗುವಿಗೆ ಮಾಡುವಂತೆ ಉಪ್ಪು ನೀರು ಕುಡಿಸಿ ವಾಂತಿ ಮಾಡಿಸುವ ಹಳೆಯ ಕ್ರಮವನ್ನು ಪೂರ್ತಿಯಾಗಿ ಬಿಟ್ಟುಬಿಡಿ, ಯಾರಿಗೂ ಅದು ಒಳ್ಳೆಯದಲ್ಲ. ಬೆಕ್ಕಿನ ರಕ್ತದಲ್ಲಿ ಉಪ್ಪು ಏರಿದರೆ ಅದೇ ಮತ್ತೊಂದು ವಿಷ. ಹೈಡ್ರೋಜನ್ ಪೆರಾಕ್ಸೈಡ್ ಕುಡಿಸಿದರೆ ಬೆಕ್ಕಿನ ಜಠರ ಹುಣ್ಣಾಗಿ ರಕ್ತ ಕಾರುತ್ತದೆ. ಹಾಲು, ಮಜ್ಜಿಗೆ, ತುಪ್ಪ ವಿಷವನ್ನು ಮುರಿಯುತ್ತವೆ ಎಂದು ನಂಬಿ ಹೊತ್ತು ಕಳೆಯಬೇಡಿ. ಒಲೆಯ ಇದ್ದಿಲನ್ನು ಅರೆದು ಕೊಡುವುದೂ ಬೇಡ, ವೈದ್ಯರು ಕೊಡುವ ಇದ್ದಿಲೇ ಬೇರೆ, ಅದನ್ನು ವಿಷ ಹೀರುವಂತೆ ಸಂಸ್ಕರಿಸಿರುತ್ತಾರೆ. ಫಿಟ್ಸ್ ಬಂದಾಗ ಬಾಯಿಗೆ ನೀರನ್ನಾಗಲಿ ಬೆರಳನ್ನಾಗಲಿ ಹಾಕಬಾರದು. ದೀಪ ಆರಿಸಿ, ಸದ್ದು ಕಡಿಮೆ ಮಾಡಿ, ತೂತುಗಳಿರುವ ರಟ್ಟಿನ ಪೆಟ್ಟಿಗೆಯಲ್ಲಿ ಟವೆಲ್ ಹಾಸಿ ಮಲಗಿಸಿ ಹೊರಡಿ.

ಕೆಫೀನಿಗೆ ಪ್ರತಿವಿಷ ಎಂಬುದಿಲ್ಲ. ಹೃದಯದ ಓಟವನ್ನು ತಗ್ಗಿಸುವ ಔಷಧ, ನಡುಕಕ್ಕೆ ಶಮನದ ಚುಚ್ಚುಮದ್ದು, ರಕ್ತನಾಳದ ಮೂಲಕ ದ್ರವ ಕೊಡುತ್ತಾ ದೇಹ ಅದನ್ನು ಹೊರಹಾಕುವವರೆಗೆ ಜೀವ ಹಿಡಿದಿಡುವುದೇ ಚಿಕಿತ್ಸೆ. ವೈದ್ಯರು ಮೂತ್ರಕೋಶಕ್ಕೆ ನಳಿಕೆ ಹಾಕಬೇಕು ಎಂದರೆ ಗಾಬರಿಯಾಗಿ ಬೇಡ ಎನ್ನಬೇಡಿ. ಮೂತ್ರಕ್ಕೆ ಇಳಿದ ಕೆಫೀನ್ ಮೂತ್ರಕೋಶದ ಗೋಡೆಯಿಂದ ಮತ್ತೆ ರಕ್ತಕ್ಕೆ ಸೇರುತ್ತದೆ, ಅದಕ್ಕಾಗಿ ಆಗಾಗ ಖಾಲಿ ಮಾಡಬೇಕಾಗುತ್ತದೆ. ಪ್ಯಾರಾಸಿಟಮಾಲ್ ತಿಂದಿದ್ದರೆ ಅದಕ್ಕೆ ಪ್ರತಿವಿಷವಿದೆ, ಆದ್ದರಿಂದ ಯಾವ ಮಾತ್ರೆ ಎಂದು ಮುಚ್ಚುಮರೆ ಇಲ್ಲದೆ ಹೇಳಿ.

ಯಾವ ಪುಡಿ ಎಂಬುದೂ ಮುಖ್ಯವಾಗುತ್ತದೆ. ನಮ್ಮ ಫಿಲ್ಟರ್ ಪುಡಿಯಲ್ಲಿ ಬೆರೆತ ಚಿಕೋರಿಯಲ್ಲಿ ಕೆಫೀನ್ ಇಲ್ಲ, ರೊಬಸ್ಟಾ ಬೀಜದಲ್ಲಿ ಅರೇಬಿಕಾದ ಸುಮಾರು ಎರಡರಷ್ಟು ಇರುತ್ತದೆ. ಚಿಕೋರಿಯ ಪ್ರಮಾಣ ಪೊಟ್ಟಣದ ಮೇಲೆಯೇ ಅಚ್ಚಾಗಿರುತ್ತದೆ. ಪೊಟ್ಟಣವನ್ನಾಗಲಿ ಮಾತ್ರೆಯ ಪಟ್ಟಿಯನ್ನಾಗಲಿ ಕೈಯಲ್ಲಿ ಹಿಡಿದೇ ಹೋಗಿ, ಎಷ್ಟು ಹೊತ್ತಿಗೆ ತಿಂದಿತು, ಎಷ್ಟು ಕಡಿಮೆಯಾಗಿದೆ ಎಂದು ತಿಳಿಸಿ.

ಬೆಂಗಳೂರಿನಲ್ಲಿ ಹೆಬ್ಬಾಳದ ಪಶುವೈದ್ಯಕೀಯ ಕಾಲೇಜಿನ ಆಸ್ಪತ್ರೆಯಿದೆ, ಖಾಸಗಿ ಚಿಕಿತ್ಸಾಲಯಗಳೂ ಬೇಕಾದಷ್ಟಿವೆ. ಸಣ್ಣ ಊರಿನವರು ತಾಲ್ಲೂಕಿನ ಪಶು ಆಸ್ಪತ್ರೆಯ ವೇಳೆಯನ್ನು ಮೊದಲೇ ವಿಚಾರಿಸಿಟ್ಟುಕೊಳ್ಳಿ, ರಾತ್ರಿ ಯಾರು ಸಿಗುತ್ತಾರೆ ಎಂಬುದನ್ನೂ ಕೇಳಿ. ಜೊತೆಗೆ ಇಂದೇ ಇನ್ನೊಂದು ಕೆಲಸ ಮಾಡಿ. ಬೆಕ್ಕನ್ನು ಎತ್ತಿಕೊಂಡು ತೂಕದ ಯಂತ್ರದ ಮೇಲೆ ನಿಂತು, ಆಮೇಲೆ ನೀವೊಬ್ಬರೇ ನಿಂತು, ಎರಡರ ವ್ಯತ್ಯಾಸವನ್ನು ಅಡುಗೆಮನೆಯ ಕ್ಯಾಲೆಂಡರಿನಲ್ಲಿ ವೈದ್ಯರ ನಂಬರಿನ ಪಕ್ಕ ಬರೆದಿಡಿ. ಫೋನ್ ಎತ್ತಿದ ಕೂಡಲೇ ವೈದ್ಯರು ಮೊದಲು ಕೇಳುವ ಪ್ರಶ್ನೆಗಳಲ್ಲಿ ತೂಕವೂ ಒಂದು. ಮರಿಯಾದರೆ ಆ ಅಂಕಿಯನ್ನು ತಿಂಗಳಿಗೊಮ್ಮೆ ತಿದ್ದಿ.