ಕಥೆಗೊಂದು ಕಾಲಯಂತ್ರ: ಕಟ್ಟುವ ಬಗೆ, ಕೆಡುವ ಜಾಗ

ಕಾಲಯಂತ್ರದ ಕಥೆ ಬರೆಯಲು ಕೂತವರು ಮೊದಲು ಯಂತ್ರದ ಅಲಂಕಾರಕ್ಕೆ ಕೈಹಾಕುತ್ತಾರೆ. ಮಿನುಗುವ ದೀಪ, ಕೆಂಪು ಗುಂಡಿ, ಹೊಗೆ. ಅವೆಲ್ಲ ಆಮೇಲೆ. ಮೊದಲು ಬೇಕಾದದ್ದು ಯಂತ್ರದಿಂದ ಏನೇನು ಆಗುವುದಿಲ್ಲ ಎಂಬ ಪಟ್ಟಿ. ಎಲ್ಲವನ್ನೂ ಮಾಡಬಲ್ಲ ಯಂತ್ರ ಸಿಕ್ಕಿದರೆ ನಾಯಕನಿಗೆ ಕಷ್ಟವೇ ಇರುವುದಿಲ್ಲ. ಎಡವಿದಾಗಲೆಲ್ಲ ಹಿಂದೆ ಹೋಗಿ ಸರಿಮಾಡಿಕೊಂಡು ಬಂದರಾಯಿತು. ‘ಇನ್ನೊಂದು ಸಲ ಯಾಕೆ ಹೋಗಲಿಲ್ಲ?’ ಎಂದು ಓದುಗರು ಕೇಳಿದಾಗ ಉತ್ತರ ಇಲ್ಲದಿದ್ದರೆ ಕಥೆ ಕೆಟ್ಟಂತೆಯೇ.

ಮಾದರಿಗೆ ಒಂದನ್ನು ಕಟ್ಟಿ ನೋಡೋಣ.

ಹಂತ 1: ವಸ್ತುವನ್ನು ಆರಿಸಿ

ತನ್ನೊಳಗೇ ಮಿತಿಯಿರುವ ವಸ್ತುವಾದರೆ ಅರ್ಧ ಕೆಲಸ ಆದಂತೆ. ನಮ್ಮ ಆಯ್ಕೆ ಗಳಿಗೆ ಬಟ್ಟಲು. ತಾಮ್ರದ ಬಟ್ಟಲು, ತಳದಲ್ಲಿ ಒಂದು ಸಣ್ಣ ತೂತು. ನೀರು ತುಂಬಿದ ಕೊಪ್ಪರಿಗೆಯಲ್ಲಿ ತೇಲಿಬಿಟ್ಟರೆ ತೂತಿನಿಂದ ನೀರು ಒಳಗೇರಿ, ಒಂದು ಗಳಿಗೆಗೆ ಅಂದರೆ 24 ನಿಮಿಷಕ್ಕೆ ಮುಳುಗಬೇಕು. ಹಗಲು ರಾತ್ರಿ ಸೇರಿ 60 ಸಲ ಮುಳುಗುವಂತಿರಬೇಕು ಎನ್ನುತ್ತದೆ ಸೂರ್ಯಸಿದ್ಧಾಂತ. ಹಳೆಯ ಜ್ಯೋತಿಷ ಗ್ರಂಥಗಳಲ್ಲಿ ಅಳತೆಯೂ ಸಿಗುತ್ತದೆ: 10 ಪಲ (ಹಳೆಯ ತೂಕದ ಅಳತೆ) ತಾಮ್ರ, 12 ಅಂಗುಲ ಬಾಯಗಲ, 6 ಅಂಗುಲ ಎತ್ತರ. ಗಡಿಯಾರ ಬರುವ ಮುಂಚೆ ಮದುವೆಯ ಮುಹೂರ್ತಕ್ಕೆ ಇದನ್ನೇ ನಂಬಿದ್ದರು.

ಇದಕ್ಕೆ ನಾವು ಸೇರಿಸುವ ಕಲ್ಪನೆ ಒಂದೇ. ದಿನಾಂಕ, ಹೊತ್ತು ಹೇಳಿ, ಬಟ್ಟಲನ್ನು ಕೈಯಾರೆ ನೀರಿಗೆ ಬಿಟ್ಟವರು ಆ ದಿನಕ್ಕೆ ಹೋಗುತ್ತಾರೆ. ಬಟ್ಟಲು ಮುಳುಗಿದ ಕ್ಷಣ ವಾಪಸ್. ಭೇಟಿ 24 ನಿಮಿಷ, ಅಷ್ಟೇ.

ಉಳಿದ ಅಪಾಯಗಳನ್ನು ಹೊಸದಾಗಿ ಹುಟ್ಟಿಸಬೇಕಿಲ್ಲ, ನಿಜವಾದ ಬಟ್ಟಲಿನ ರೋಗಗಳೇ ಸಾಕು. ಬೋರ್‌ವೆಲ್ ನೀರು ಬಳಸಿದರೆ ತೂತಿನ ಅಂಚಿಗೆ ಬಿಳಿ ಸುಣ್ಣ ಕಟ್ಟುತ್ತದೆ; ಬಟ್ಟಲು ನಿಧಾನವಾಗಿ ಮುಳುಗುತ್ತದೆ, ಹೋದವರು ಹೆಚ್ಚು ಹೊತ್ತು ಅಲ್ಲೇ ಉಳಿಯುತ್ತಾರೆ. ಚಳಿಗಾಲದ ತಣ್ಣೀರೂ ಸ್ವಲ್ಪ ನಿಧಾನವೇ. ಸುಣ್ಣ ತೆಗೆಯಲು ಸೂಜಿ ಆಡಿಸಿದರೆ ತಾಮ್ರ ಮೆದು, ತೂತು ಹಿಗ್ಗುತ್ತದೆ. ತೂತಿನ ಅಗಲ ಹತ್ತರಲ್ಲೊಂದು ಪಾಲು ಹೆಚ್ಚಿದರೂ ಸಾಕು, 24 ನಿಮಿಷ ಸುಮಾರು 20ಕ್ಕೆ ಇಳಿಯುತ್ತದೆ. ಮಾತು ಅರ್ಧವಾಗಿದ್ದಾಗಲೇ ನಾಯಕಿ ಮಾಯ! ತೂತು ಪೂರ್ತಿ ಕಟ್ಟಿಕೊಂಡರೆ ಬಟ್ಟಲು ಮುಳುಗುವುದೇ ಇಲ್ಲ. ಹಾಗಾಗಿ ಬಟ್ಟಲ ಪಕ್ಕ ಕಾವಲಿಗೆ ಒಬ್ಬರು ಬೇಕೇ ಬೇಕು, ಮತ್ತು ಅವರು ನಂಬಿಕಸ್ತರೋ ಅಲ್ಲವೋ ಎಂಬಲ್ಲೇ ನಿಮ್ಮ ಎರಡನೇ ಪಾತ್ರ ಹುಟ್ಟುತ್ತದೆ.

ಹಂತ 2: ಜಾಗವನ್ನು ಕಟ್ಟಿಹಾಕಿ

ಹೆಚ್ಚಿನ ಕಥೆಗಳು ಮರೆಯುವ ಲೆಕ್ಕ ಇದು. ಭೂಮಿ ಸೂರ್ಯನ ಸುತ್ತ ಸೆಕೆಂಡಿಗೆ ಸುಮಾರು 30 ಕಿ.ಮೀ. ಓಡುತ್ತಿದೆ. ಒಂದೇ ಗಂಟೆ ಹಿಂದೆ ಹೋದರೂ ನಿಮ್ಮ ಮನೆ ಲಕ್ಷ ಕಿ.ಮೀ.ಗಿಂತ ದೂರದಲ್ಲಿರುತ್ತದೆ, ನೀವು ಖಾಲಿ ಬಾಹ್ಯಾಕಾಶದಲ್ಲಿ. ಇದಕ್ಕೆ ಸುಲಭದ ಪರಿಹಾರ: ಆ ದಿನ ಬಟ್ಟಲು ಎಲ್ಲಿತ್ತೋ ಅಲ್ಲಿಗೇ ಹೋಗುವುದು. ಬಟ್ಟಲು ಹುಟ್ಟುವ ಮೊದಲಿನ ಕಾಲ ತಾನಾಗಿಯೇ ಮುಚ್ಚಿಹೋಗುತ್ತದೆ. ಆದರೆ ಆ ದಿನ ಅದು ಬೀಗ ಹಾಕಿದ ಉಗ್ರಾಣದಲ್ಲಿತ್ತೋ, ಬಾವಿಯ ತಳದಲ್ಲಿತ್ತೋ? ಬಟ್ಟಲು ಯಾವ ಯಾವ ಕೈ ದಾಟಿ ಬಂತೆಂದು ಒಂದು ಪುಟ ಬರೆದಿಟ್ಟುಕೊಳ್ಳಿ. ಓದುಗರಿಗೆ ಅದು ಕಾಣಬೇಕಿಲ್ಲ.

ಹಂತ 3: ದಿನಾಂಕ ಸರಿಮಾಡಿ

ನಾಯಕಿ ಹಂಪಿಗೆ ಹೋಗಬೇಕು, ತಾಳಿಕೋಟೆ ಯುದ್ಧದ ದಿನಕ್ಕೆ. ಇತಿಹಾಸದ ಪುಸ್ತಕಗಳಲ್ಲಿ ಸಾಮಾನ್ಯವಾಗಿ 1565ರ ಜನವರಿ 23 ಎಂದಿರುತ್ತದೆ. ಅದು ಜೂಲಿಯನ್ ಪಂಚಾಂಗದ ತಾರೀಖು. ನಾವು ಈಗ ಬಳಸುವ ಗ್ರೆಗೋರಿಯನ್ ಲೆಕ್ಕ ಶುರುವಾದದ್ದು 1582ರಲ್ಲಿ, ಹತ್ತು ದಿನ ಕತ್ತರಿಸಿ. ಈಗಿನ ಲೆಕ್ಕದಲ್ಲಿ ಯುದ್ಧ ನಡೆದದ್ದು ಫೆಬ್ರುವರಿ 2ರಂದು. ಪುಸ್ತಕದ ತಾರೀಖನ್ನೇ ಹೇಳಿ ಬಟ್ಟಲು ಬಿಟ್ಟರೆ ಹತ್ತು ದಿನ ಮೊದಲೇ ತಲುಪುತ್ತಾಳೆ. ಸೋಲಿನ ಮಾತನ್ನು ಆಗ ಯಾರು ನಂಬುತ್ತಾರೆ?

ಹೊತ್ತಿನಲ್ಲೂ ಇಂಥದೇ ಎಡವಟ್ಟು. ಭಾರತೀಯ ಕಾಲಮಾನ ಜಾರಿಗೆ ಬಂದದ್ದು 1906ರಲ್ಲಿ, ಅದು 82.5 ಡಿಗ್ರಿ ರೇಖಾಂಶದ್ದು. ಹಂಪಿ ಇರುವುದು ಸುಮಾರು 76.5 ಡಿಗ್ರಿಯಲ್ಲಿ. ಡಿಗ್ರಿಗೆ 4 ನಿಮಿಷದಂತೆ, ಹಂಪಿಯಲ್ಲಿ ಸೂರ್ಯ ನೆತ್ತಿಗೆ ಬರುವುದು ಗಡಿಯಾರದ 12ಕ್ಕಿಂತ ಸರಾಸರಿ 24 ನಿಮಿಷ ತಡ, ಅಂದರೆ ಕರಾರುವಾಕ್ಕಾಗಿ ಒಂದು ಗಳಿಗೆ! ಋತುವಿಗೆ ತಕ್ಕಂತೆ ಇನ್ನೂ ಕಾಲು ಗಂಟೆ ಆಚೀಚೆ ಆಗಬಹುದು. ನಡುಮಧ್ಯಾಹ್ನ ಯಾರನ್ನೋ ಭೇಟಿಯಾಗಬೇಕೆಂದು ಕೈಗಡಿಯಾರ ನೋಡಿ 12ಕ್ಕೆ ಹೊರಟರೆ, ಅವರು ಬರುವ ಹೊತ್ತಿಗೆ ಇವಳ ಬಟ್ಟಲು ಮುಳುಗಿರುತ್ತದೆ.

ಹಂತ 4: ಬದಲಾಗುತ್ತದೋ ಇಲ್ಲವೋ

ಮೂರೇ ದಾರಿ. ನಡೆದದ್ದು ಬದಲಾಗದು, ಬದಲಾಗಿ ಹಳೆಯದು ಅಳಿಸಿಹೋಗುತ್ತದೆ, ಇಲ್ಲವೇ ಹೊಸ ಕವಲು ಹುಟ್ಟುತ್ತದೆ. ಒಂದನ್ನು ಹಿಡಿದು ಕೊನೆತನಕ ಬಿಡಬೇಡಿ. ಸಣ್ಣಕಥೆಗೆ ಮೊದಲನೆಯದೇ ವಾಸಿ. ಕಾಲಯಾನ ಸಾಧ್ಯವಾದರೂ ತನಗೆ ತಾನೇ ವಿರುದ್ಧವಾದ ಘಟನೆ ನಡೆಯದು ಎಂಬ ವಾದವನ್ನು ರಷ್ಯಾದ ಭೌತವಿಜ್ಞಾನಿ ಇಗೋರ್ ನೋವಿಕೋವ್ ಮುಂದಿಟ್ಟಿದ್ದಾರೆ. ಈ ದಾರಿಯಲ್ಲಿ ಬಟ್ಟಲಿನ ಉಪಯೋಗ ತಿಳಿಯುವುದಕ್ಕೆ ಮಾತ್ರ: ಒಡೆದುಹೋದ ಶಾಸನದ ಕೊನೆಯ ಸಾಲು ಓದಿ ಬರಬಹುದು, ಒಡೆಯುವುದನ್ನು ತಡೆಯಲಾಗದು.

ಮುಂದಕ್ಕೆ ಹೋಗುವ ಕಥೆಯಾದರೆ ಈ ತಕರಾರಿಲ್ಲ, ವಿಜ್ಞಾನದ ಒಪ್ಪಿಗೆಯೂ ಇದೆ. ಬೆಳಕಿನ ವೇಗದ ಶೇ 99.5ರಲ್ಲಿ ಒಂದು ವರ್ಷ ಸುತ್ತಿ ಬಂದರೆ ಭೂಮಿಯಲ್ಲಿ ಹತ್ತು ವರ್ಷ ಕಳೆದಿರುತ್ತದೆ. ಭಾಗವತದ ರಾಜ ಕಕುದ್ಮಿ ತನ್ನ ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋಗಿ ಒಂದು ಕ್ಷಣ ಕಾದದ್ದಕ್ಕೆ ಇಲ್ಲಿ 27 ಚತುರ್ಯುಗ ಕಳೆದಿತ್ತು. ಮನಸ್ಸಿನಲ್ಲಿದ್ದ ವರಗಳಲ್ಲಿ ಒಬ್ಬನೂ ಉಳಿದಿರಲಿಲ್ಲ.

ಹಂತ 5: ತಲುಪಿದ ಮೇಲೆ

ಓದುಗರು ಹೆಚ್ಚು ತಪ್ಪು ಹಿಡಿಯುವುದು ಇಲ್ಲಿ. ಹೊಯ್ಸಳರ ಕಾಲದ ಅಡುಗೆಮನೆಯಲ್ಲಿ ಟೊಮೆಟೊ ಸಾರು ಕುದಿಸಬೇಡಿ. ಟೊಮೆಟೊ, ಆಲೂಗಡ್ಡೆ, ಕಡಲೆಕಾಯಿ, ಮೆಣಸಿನಕಾಯಿ ಎಲ್ಲವೂ ಅಮೆರಿಕ ಖಂಡದವು. 1498ರಲ್ಲಿ ಪೋರ್ಚುಗೀಸರು ಬರುವ ಮೊದಲು ಇಲ್ಲಿ ಖಾರವೆಂದರೆ ಕಾಳುಮೆಣಸು, ಹಿಪ್ಪಲಿ, ಶುಂಠಿ. ಜೇಬಿನ ರೂಪಾಯಿ ಹಂಪಿಯ ಪೇಟೆಯಲ್ಲಿ ನಡೆಯದು, ಅಲ್ಲಿ ವರಾಹ. 1950ರ ಬೆಂಗಳೂರಿಗೆ ಹೋದವರೂ ನೂರು ಪೈಸೆಗೆ ರೂಪಾಯಿ ಎನ್ನುವಂತಿಲ್ಲ: 1957ರ ಏಪ್ರಿಲ್‌ವರೆಗೆ ರೂಪಾಯಿಗೆ 16 ಆಣೆ.

ಮೊಬೈಲ್ ಒಯ್ದರೆ ಸಿಗ್ನಲ್ ಇರದು, ಉಪಗ್ರಹವಿಲ್ಲದ್ದರಿಂದ ಜಿಪಿಎಸ್ ಕೂಡ ಇಲ್ಲ. ಕ್ಯಾಮೆರಾ ಮಾತ್ರ ಕೆಲಸ ಮಾಡುತ್ತದೆ. ಆದರೆ ಫೋನಿನೊಳಗಿನ ಗಡಿಯಾರ ಹೊರಟ ದಿನವನ್ನೇ ಎಣಿಸುತ್ತಿರುತ್ತದೆ. ವಿಜಯನಗರದ ಪೇಟೆಯ ಚಿತ್ರದ ಮೇಲೂ ಇವತ್ತಿನ ತಾರೀಖೇ ಬೀಳುತ್ತದೆ. ಅದನ್ನು ಸಾಕ್ಷಿ ಎಂದು ಯಾರಿಗಾದರೂ ತೋರಿಸುವ ದೃಶ್ಯ ನಿಮ್ಮ ಕಥೆಯಲ್ಲಿದ್ದರೆ ಈಗಲೇ ತಿದ್ದಿಕೊಳ್ಳಿ.